ಖೋಟಾ ಹಣದ ನಷ್ಟ ಯಾರ ಲೆಕ್ಕಕ್ಕೆ?

ಖೋಟಾ ಹಣದ ಚರಿತ್ರೆಯೆಂದರೆ ಕಳ್ಳ-ಪೊಲೀಸರ ಕಥೆಯೆಂದೇ ನಮ್ಮ ಎಣಿಕೆ. ತೆರಕಣಾಂಬಿಯಂಥ ವ್ಯಾಪಾರದ ಊರಿನ ಕಡೆಯಿಂದ ನೋಡಿದರೆ ಕೇಳಬೇಕಾದ ಪ್ರಶ್ನೆಯೇ ಬೇರೆ. ಗುಂಡ್ಲುಪೇಟೆಯಿಂದ ಚಾಮರಾಜನಗರಕ್ಕೆ ಹೋಗುವ ದಾರಿಯ ಈ ಊರು ಉಮ್ಮತ್ತೂರಿನ ಪಾಳೆಯಗಾರರ ಕೈಯಲ್ಲಿದ್ದು, 17ನೇ ಶತಮಾನದ ಆರಂಭದಲ್ಲಿ ರಾಜ ಒಡೆಯರ ಕಾಲಕ್ಕೆ ಮೈಸೂರಿಗೆ ಸೇರಿತು. ಒಂದು ಕಡೆ ವಯನಾಡು, ಇನ್ನೊಂದು ಕಡೆ ಕೊಯಮತ್ತೂರು ಸೀಮೆ. ಪರಸ್ಥಳದ ಹಣ ಇಲ್ಲಿಗೆ ಹೊಸದಲ್ಲ. ಹೀಗೆ ಕೈಯಿಂದ ಕೈಗೆ ಬಂದ ಹಣ ಕೆಟ್ಟದ್ದೆಂದು ಗೊತ್ತಾದಾಗ ನಷ್ಟ ಯಾರ ತಲೆಗೆ? ಆಳಿದವರು ಹಣದ ರೂಪವನ್ನು ಮತ್ತೆ ಮತ್ತೆ ಬದಲಿಸಿದರು. ನಷ್ಟವನ್ನು ಮಾತ್ರ ಕೊನೆಗೆ ಸಿಕ್ಕಿಬಿದ್ದವನ ಮೇಲೆಯೇ ಬಿಟ್ಟರು, ಅದೂ ಹಿಂದಿಗಿಂತ ಹೆಚ್ಚಾಗಿ.

ಕಂಠೀರವ ನರಸರಾಜ ಒಡೆಯರು (1638–1659) ಶ್ರೀರಂಗಪಟ್ಟಣದಲ್ಲಿ ಟಂಕಸಾಲೆ ತೆರೆದು ಹೊಡೆಸಿದ ಕಂಠೀರಾಯಿ ಹಣವನ್ನು ನೋಡಿ. ಚಿನ್ನದ ನಾಣ್ಯ, ಆದರೆ ತೂಕ ಒಂದು ಗ್ರಾಮಿನ ಮೂರನೇ ಒಂದು ಭಾಗದಷ್ಟು. ಕಿರುಬೆರಳಿನ ಉಗುರಿನ ಮೇಲೆ ಕೂರುವಷ್ಟು ಚಿಕ್ಕದು. ಒಂದು ಮುಖದಲ್ಲಿ ಕುಳಿತ ನರಸಿಂಹ, ಇನ್ನೊಂದರಲ್ಲಿ ನಾಗರಿ ಅಕ್ಷರ. ಇಂಥ ಹತ್ತು ಹಣಕ್ಕೆ ಒಂದು ಕಂಠೀರಾಯಿ ವರಹ. ಆ ವರಹ ಇದ್ದದ್ದು ಲೆಕ್ಕದ ಕಡತದಲ್ಲಿ ಮಾತ್ರ. ಇಷ್ಟು ಸಣ್ಣ ಚೂರಿಗೆ ತಾಮ್ರವನ್ನೋ ಬೆಳ್ಳಿಯನ್ನೋ ತುಸು ಹೆಚ್ಚು ಬೆರೆಸಿದರೆ ಬರಿಗಣ್ಣಿಗೆ ಗೊತ್ತಾಗುವುದು ಕಷ್ಟ. ಮುಂದೆ ಹೈದರನ ಬಹದ್ದೂರಿ ವರಹ ಬಂತು, ಟಿಪ್ಪುವಿನ ಹಲವು ಟಂಕಸಾಲೆಗಳ ನಾಣ್ಯಗಳು ಬಂದವು, 1799ರ ನಂತರ ಪೂರ್ಣಯ್ಯನವರ ಆಡಳಿತದಲ್ಲಿ ಗಿಡ್ಡ ಕಂಠೀರಾಯಿ ಬಂತು. ಇವನ್ನೆಲ್ಲ ಒರೆಗಲ್ಲಿಗೆ ಉಜ್ಜಿ, ತಕ್ಕಡಿಯಲ್ಲಿ ತೂಗಿ, ವಟ್ಟವೆಂಬ ಕಡಿತ ಮುರಿದುಕೊಂಡು ಬೆಲೆ ಕಟ್ಟುವವನು ಚಿನಿವಾರ. ಅವನ ಕಲ್ಲಿನ ಮೇಲೆ ಕೆಟ್ಟ ನಾಣ್ಯವೂ ಪೂರ್ತಿ ಸೊನ್ನೆಯಾಗುತ್ತಿರಲಿಲ್ಲ. ಎಷ್ಟು ಚಿನ್ನವೋ ಅಷ್ಟು ಬೆಲೆ.

ಚಿನಿವಾರನೇನು ಸತ್ಯಹರಿಶ್ಚಂದ್ರನೇ ಎಂದು ಕೇಳಬಹುದು. ಖಂಡಿತ ಅಲ್ಲ. ಓದು ಬರಹ ಇಲ್ಲದ ರೈತನ ಮುಂದೆ ತಕ್ಕಡಿ ಹಿಡಿದವನಿಗೆ ಮೋಸಕ್ಕೆ ಹತ್ತು ದಾರಿಗಳಿದ್ದವು, ವಟ್ಟವೆಂಬುದು ಬಡವನ ಮೇಲಿನ ತೆರಿಗೆಯೇ ಆಗಿತ್ತು. ಹಾಗಾಗಿ ಎಲ್ಲೆಡೆ ಒಂದೇ ನಾಣ್ಯ ಬಂದದ್ದು ಒಳ್ಳೆಯದೇ. ಮೈಸೂರಿನ ಟಂಕಸಾಲೆ 1833ರಲ್ಲಿ ಬೆಂಗಳೂರಿಗೆ ಹೋಗಿ 1843ರಲ್ಲಿ ಮುಚ್ಚಿತು. ಈಸ್ಟ್ ಇಂಡಿಯಾ ಕಂಪನಿಯ ರೂಪಾಯಿಯೇ ನಿಂತಿತು. 1861ರ ಕಾಯ್ದೆಯೊಂದಿಗೆ ಸರ್ಕಾರಿ ಕಾಗದದ ನೋಟೂ ಬಂತು. ಹಣದ ಬೆಲೆ ಲೋಹ ಬಿಟ್ಟು ಸರ್ಕಾರದ ಮಾತಿಗೆ ಅಂಟಿಕೊಂಡ ಮೇಲೆ ಖೋಟಾ ನೋಟಿನ ಬೆಲೆ ಪೂರ್ತಿ ಸೊನ್ನೆಯಾಯಿತು. ಒರೆಗಲ್ಲನ್ನು ಸರ್ಕಾರ ತಾನಿಟ್ಟುಕೊಂಡಿತು, ನಷ್ಟವನ್ನು ಪೇಟೆಗೆ ಬಿಟ್ಟಿತು.

ಈಗಿನ ಕ್ರಮ ಹೀಗಿದೆ. ಬ್ಯಾಂಕಿನ ಕೌಂಟರಿನಲ್ಲಿ ಖೋಟಾ ನೋಟು ಸಿಕ್ಕರೆ ಅದರ ಮೇಲೆ ಮುದ್ರೆ ಒತ್ತಿ ಮುಟ್ಟುಗೋಲು ಹಾಕುತ್ತಾರೆ, ರಸೀದಿ ಕೊಡುತ್ತಾರೆ, ಬದಲಿ ನೋಟು ಕೊಡುವುದಿಲ್ಲ. ಒಂದೇ ವ್ಯವಹಾರದಲ್ಲಿ ನಾಲ್ಕರವರೆಗೆ ಸಿಕ್ಕರೆ ತಿಂಗಳ ಕೊನೆಗೆ ಪೊಲೀಸರಿಗೆ ಒಟ್ಟು ವರದಿ. ಐದು ಅಥವಾ ಹೆಚ್ಚು ಸಿಕ್ಕರೆ ಎಫ್‌ಐಆರ್. ತರಕಾರಿ ಮಾರಿ ಬಂದ ಐನೂರರ ನೋಟು ಸಂಶಯ ತಂದರೆ ರೈತನೆದುರು ಎರಡೇ ದಾರಿ: ಬ್ಯಾಂಕಿಗೆ ಕೊಟ್ಟು ಐನೂರು ಕಳೆದುಕೊಳ್ಳುವುದು, ಇಲ್ಲವೇ ಕತ್ತಲಾದ ಮೇಲೆ ಯಾರಿಗಾದರೂ ದಾಟಿಸುವುದು. ಗೊತ್ತಿದ್ದೂ ದಾಟಿಸಿದರೆ ಹಳೆಯ ದಂಡಸಂಹಿತೆಯ 489ಬಿ ಪ್ರಕಾರ ಜೀವಾವಧಿಯವರೆಗೆ ಶಿಕ್ಷೆ ಇತ್ತು. ಈಗಿನ ನ್ಯಾಯ ಸಂಹಿತೆಯಲ್ಲೂ ಅದು ಅಪರಾಧವೇ. ಆದರೂ ಪ್ರಾಮಾಣಿಕನಿಗೆ ದಂಡ, ಜಾಣನಿಗೆ ಬಿಡುಗಡೆ ಎಂಬ ನಿಯಮವಿದ್ದಾಗ ಜನ ಯಾವುದನ್ನು ಆರಿಸುತ್ತಾರೆಂದು ಬೇರೆ ಹೇಳಬೇಕೇ?

ಪರಿಹಾರ ಕೊಟ್ಟರೆ ಖೋಟಾ ಮುದ್ರಿಸುವವರೇ ಬ್ಯಾಂಕಿನ ಮುಂದೆ ಸಾಲು ನಿಲ್ಲುತ್ತಾರೆ ಎಂಬುದು ಇದಕ್ಕೆ ಬರುವ ದೊಡ್ಡ ಆಕ್ಷೇಪ. ತೂಕದ ಮಾತೇ. ಆದರೆ ಮಿತಿ ಹಾಕುವುದು ಕಷ್ಟವಲ್ಲ. ನಾಲ್ಕು ಮತ್ತು ಐದರ ನಡುವೆ ಗೆರೆ ಎಳೆದು, ಅಮಾಯಕರನ್ನೂ ದಂಧೆಯವರನ್ನೂ ಬೇರ್ಪಡಿಸಲು ನಿಯಮವೇ ಹೊರಟಿದೆ. ಗುರುತಿನ ಚೀಟಿ ಪಡೆದು ವರ್ಷಕ್ಕೆ ಒಂದೆರಡು ನೋಟಿಗೆ ಪರಿಹಾರ ಕೊಟ್ಟರೆ ಅದರಿಂದ ಯಾವ ಜಾಲವೂ ಬದುಕದು. ಎಟಿಎಂನಲ್ಲಿ ಖೋಟಾ ಬಂದರೆ ಬ್ಯಾಂಕೇ ಅದನ್ನು ಚಲಾಯಿಸಿದಂತೆ ಎಂದು ರಿಸರ್ವ್ ಬ್ಯಾಂಕ್ ಈಗಾಗಲೇ ಒಪ್ಪಿದೆ. ಹೊಣೆ ಹೊರಿಸುವುದು ಅಸಾಧ್ಯವಲ್ಲ ಎಂಬುದಕ್ಕೆ ಇಷ್ಟು ಸಾಕು.

ರೂಪ ಬದಲಿಸಿದ್ದರಿಂದ ಏನೂ ಆಗಲಿಲ್ಲವೆಂದಲ್ಲ. 1940ರಲ್ಲಿ ಬೆಳ್ಳಿ ರೂಪಾಯಿಯ ಅಂಚಿಗೆ ರಕ್ಷಣಾ ಗೀರು ಹಾಕಿದರು. ನಮ್ಮ ಪಕ್ಕದ ಮೈಸೂರಿನಲ್ಲಿ ಈಗ ನೋಟಿನ ಮುದ್ರಣಾಲಯ, ಕಾಗದದ ಗಿರಣಿ, 2022ರಿಂದ ಶಾಯಿಯ ಘಟಕವೂ ಇವೆ. ಬ್ಯಾಂಕುಗಳಲ್ಲಿ ಸಿಕ್ಕ ಖೋಟಾ ನೋಟುಗಳು 2016-17ರಲ್ಲಿ 7.62 ಲಕ್ಷ, 2024-25ರಲ್ಲಿ 2.17 ಲಕ್ಷ. ಆದರೆ ಅದೇ 2024-25ರಲ್ಲಿ ಐನೂರರ ಖೋಟಾ ಶೇಕಡಾ 37ರಷ್ಟು ಏರಿತು. 2016ರ ನವೆಂಬರ್ 8ರ ನೋಟು ರದ್ದತಿಗೆ ಕೊಟ್ಟ ಕಾರಣಗಳಲ್ಲಿ ಖೋಟಾ ಹಾವಳಿಯೂ ಒಂದಾಗಿದ್ದುದನ್ನು ನೆನೆದರೆ ಇದು ಹೆಮ್ಮೆಯ ಲೆಕ್ಕವಲ್ಲ. ಸಂತೆಯಲ್ಲೇ ಸುತ್ತುತ್ತಿರುವ ನೋಟು ಈ ಪಟ್ಟಿಗೆ ಬರುವುದೂ ಇಲ್ಲ.

ನಷ್ಟದ ಭಯ ಅಸಲಿ ಹಣವನ್ನೂ ಬಿಡಲಿಲ್ಲ. ಹತ್ತು ರೂಪಾಯಿ ನಾಣ್ಯ ಖೋಟಾ ಎಂಬ ಗಾಳಿಮಾತು ಹಬ್ಬಿ ಅಂಗಡಿಯವರು, ಬಸ್ಸಿನವರು ಅದನ್ನು ಮುಟ್ಟದಾದರು. ಹದಿನಾಲ್ಕು ವಿನ್ಯಾಸಗಳೂ ಚಲಾವಣೆಗೆ ಯೋಗ್ಯವೆಂದು ರಿಸರ್ವ್ ಬ್ಯಾಂಕ್ 2018ರ ಜನವರಿಯಲ್ಲಿ ಸಾರಿದರೂ ಬಹಳ ಕಡೆ ಅದನ್ನು ಬೇಡವೆನ್ನುವುದು ನಿಲ್ಲಲಿಲ್ಲ. ಇದನ್ನು ಜನರ ಅಜ್ಞಾನವೆಂದು ತಳ್ಳಿಹಾಕುವವರಿದ್ದಾರೆ. ದಿನಕ್ಕೆ ಇನ್ನೂರು ಮುನ್ನೂರು ರೂಪಾಯಿ ಉಳಿಸುವ ಅಂಗಡಿಯವನು, ಕೈಯಲ್ಲುಳಿದರೆ ಯಾರೂ ತುಂಬಿಕೊಡದ ನಾಣ್ಯವನ್ನು ದೂರವಿಡುವುದರಲ್ಲಿ ನನಗಂತೂ ಲೆಕ್ಕಾಚಾರವೇ ಕಾಣುತ್ತದೆ.