ಕುಬ್ಜತೆ: ಅಳತೆಪಟ್ಟಿಗೆ ಸಿಗದ ನೋವು

ಕುಬ್ಜತೆಗೆ ಭಾರತದ ಕಾನೂನು ಒಂದು ಗೆರೆ ಎಳೆದಿದೆ. ವೈದ್ಯಕೀಯ ಅಥವಾ ಆನುವಂಶಿಕ ಕಾರಣದಿಂದ ವಯಸ್ಕರೊಬ್ಬರ ಎತ್ತರ 4 ಅಡಿ 10 ಅಂಗುಲ, ಅಂದರೆ 147 ಸೆಂಟಿಮೀಟರ್ ಅಥವಾ ಅದಕ್ಕಿಂತ ಕಡಿಮೆ ಇದ್ದರೆ ಅದು ಕುಬ್ಜತೆ ಎಂದು 2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯ್ದೆ ಹೇಳುತ್ತದೆ. 1995ರ ಹಿಂದಿನ ಕಾಯ್ದೆಯಲ್ಲಿದ್ದ ಏಳು ಬಗೆಯ ಅಂಗವೈಕಲ್ಯಗಳಲ್ಲಿ ಕುಬ್ಜತೆಗೆ ಪ್ರತ್ಯೇಕ ಹೆಸರಿರಲಿಲ್ಲ. ಹೊಸ ಕಾಯ್ದೆ ಆ ಪಟ್ಟಿಯನ್ನು 21ಕ್ಕೆ ಏರಿಸಿ, ಕುಬ್ಜತೆಯನ್ನು ಚಲನ ವೈಕಲ್ಯದ ಗುಂಪಿಗೆ ಸೇರಿಸಿತು.

ಆದರೆ ಎತ್ತರ ಎಂಬುದು ಈ ಸ್ಥಿತಿಯ ಹೊರಗಿನ ಗುರುತು ಮಾತ್ರ. ಕುತ್ತಿಗೆಯ ಬಳಿ ಒತ್ತಿಹೋಗುವ ನರ, ಮೂವತ್ತು ದಾಟುವ ಮೊದಲೇ ಸವೆಯುವ ಸೊಂಟದ ಕೀಲು, ನಿದ್ರೆಯಲ್ಲಿ ನಿಂತು ನಿಂತು ಸಾಗುವ ಉಸಿರು, ಇವು ಯಾವುವೂ ಗೋಡೆಗೆ ಅಂಟಿಸಿದ ಅಳತೆಪಟ್ಟಿಯಲ್ಲಿ ಕಾಣುವುದಿಲ್ಲ. ಕುಬ್ಜತೆಯುಳ್ಳವರ ಎತ್ತರದ ಬಗ್ಗೆ ಊರೆಲ್ಲ ಮಾತನಾಡುತ್ತದೆ. ಅವರ ಆರೋಗ್ಯದ ಬಗ್ಗೆ ವಿಚಾರಿಸುವವರು ವಿರಳ.

ಕುಬ್ಜತೆ ಎಂಬುದು ಒಂದೇ ಕಾಯಿಲೆಯ ಹೆಸರಲ್ಲ. ಮುನ್ನೂರಕ್ಕೂ ಹೆಚ್ಚು ಭಿನ್ನ ಸ್ಥಿತಿಗಳು ಇದಕ್ಕೆ ಕಾರಣವಾಗಬಲ್ಲವು. ವೈದ್ಯರು ಇವನ್ನು ಸ್ಥೂಲವಾಗಿ ಎರಡಾಗಿ ವಿಂಗಡಿಸುತ್ತಾರೆ. ಮೊದಲನೆಯದರಲ್ಲಿ ದೇಹದ ಎಲ್ಲ ಭಾಗಗಳೂ ಪ್ರಮಾಣಬದ್ಧವಾಗಿಯೇ ಚಿಕ್ಕದಾಗಿರುತ್ತವೆ. ಬೆಳವಣಿಗೆಯ ಹಾರ್ಮೋನಿನ ಕೊರತೆ ಇದರ ಪರಿಚಿತ ಕಾರಣಗಳಲ್ಲೊಂದು. ಬೇಗ ಪತ್ತೆಯಾದರೆ ಹಾರ್ಮೋನ್ ಚುಚ್ಚುಮದ್ದಿನಿಂದ ಮಗು ಬೆಳೆಯಬಲ್ಲದು. ಹುಟ್ಟಿನಿಂದಲೇ ಇರುವ ಥೈರಾಯ್ಡ್ ಕೊರತೆಯೂ ಬೆಳವಣಿಗೆಯನ್ನು ತಡೆಯುತ್ತದೆ. ಅಗ್ಗದ ಒಂದು ಮಾತ್ರೆಯಿಂದ ಅದನ್ನು ಸರಿಪಡಿಸಬಹುದು. ಎರಡನೆಯ ಗುಂಪು ಮೂಳೆ ಮತ್ತು ಮೃದ್ವಸ್ಥಿಯ ಬೆಳವಣಿಗೆಯ ದೋಷದಿಂದ ಬರುವಂಥದು. ಇಲ್ಲಿ ಮುಂಡ ಸಾಮಾನ್ಯ ಗಾತ್ರದಲ್ಲಿದ್ದು ಕೈಕಾಲು ಗಿಡ್ಡವಾಗಿರಬಹುದು, ಅಥವಾ ಬೆನ್ನುಮೂಳೆಯೇ ಕುಗ್ಗಿರಬಹುದು.

ಅಪೌಷ್ಟಿಕತೆಯಿಂದ ಮಕ್ಕಳು ಗಿಡ್ಡವಾಗುವುದು ಇವೆರಡಕ್ಕಿಂತ ಬೇರೆಯ ಸಂಗತಿ. 2019–21ರ ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ಕರ್ನಾಟಕದಲ್ಲಿ ಐದು ವರ್ಷದೊಳಗಿನ ಮಕ್ಕಳಲ್ಲಿ ಶೇ. 35.4ರಷ್ಟು ಮಂದಿ ವಯಸ್ಸಿಗೆ ತಕ್ಕ ಎತ್ತರ ಹೊಂದಿರಲಿಲ್ಲ. ಇವರಲ್ಲಿ ಬಹುಪಾಲು ಮಕ್ಕಳಿಗೆ ಬೇಕಿರುವುದು ಅನ್ನ, ಮೊಟ್ಟೆ ಮತ್ತು ಶುದ್ಧ ನೀರು. ಆದರೆ ಇಂತಹ ದೊಡ್ಡ ಗುಂಪಿನ ನಡುವೆ ಹಾರ್ಮೋನ್ ಕೊರತೆಯ ಅಥವಾ ಮೂಳೆಯ ದೋಷದ ಒಂದು ಮಗು ಇದ್ದರೆ ಅದು ಕಣ್ಣಿಗೆ ಬೀಳದೆ ಹೋಗುವ ಅಪಾಯ ಸಣ್ಣದಲ್ಲ.

ಎಷ್ಟು ಜನ?

ಕುಬ್ಜತೆಗೆ ಅತಿ ಸಾಮಾನ್ಯ ಕಾರಣ ಅಕಾಂಡ್ರೊಪ್ಲೇಸಿಯಾ. ಜಗತ್ತಿನಾದ್ಯಂತ ಸುಮಾರು 25,000 ಜನನಗಳಿಗೆ ಒಂದರಂತೆ ಇದು ಕಂಡುಬರುತ್ತದೆ ಎಂಬ ಅಂದಾಜಿದೆ. ಹಾಗೆ ಲೆಕ್ಕ ಹಿಡಿದರೆ ಹತ್ತು ಲಕ್ಷ ಶಿಶುಗಳಲ್ಲಿ ಸುಮಾರು 40. ನಮ್ಮ ಜನಗಣತಿಯಿಂದ ಮಾತ್ರ ಈ ಲೆಕ್ಕ ದೊರೆಯುವುದಿಲ್ಲ. 2011ರ ಗಣತಿಯಲ್ಲಿ ಕರ್ನಾಟಕದ 13 ಲಕ್ಷಕ್ಕೂ ಹೆಚ್ಚು ಅಂಗವಿಕಲರನ್ನು ಎಣಿಸಲಾಯಿತಾದರೂ ಕುಬ್ಜತೆಗೆಂದು ಪ್ರತ್ಯೇಕ ಕಲಂ ಇರಲಿಲ್ಲ.

ಅಕಾಂಡ್ರೊಪ್ಲೇಸಿಯಾದ ಮೂಲವನ್ನು ವಿಜ್ಞಾನಿಗಳು 1994ರಲ್ಲಿ ಪತ್ತೆಹಚ್ಚಿದರು. ಎಫ್‌ಜಿಎಫ್‌ಆರ್3 ಎಂಬ ವಂಶವಾಹಿ ಮೂಳೆಯ ಬೆಳವಣಿಗೆಗೆ ಕಡಿವಾಣದಂತೆ ಕೆಲಸ ಮಾಡುತ್ತದೆ. ಅದರಲ್ಲಿ ಒಂದೇ ಒಂದು ಅಕ್ಷರ ಬದಲಾದರೆ ಆ ಕಡಿವಾಣ ಸಡಿಲಗೊಳ್ಳದೆ ಬಿಗಿಯಾಗಿಯೇ ಉಳಿದು, ಮೃದ್ವಸ್ಥಿ ಮೂಳೆಯಾಗಿ ಉದ್ದಕ್ಕೆ ಬೆಳೆಯುವ ಕ್ರಿಯೆ ಕುಂಠಿತವಾಗುತ್ತದೆ. ಇಂತಹ ಮಕ್ಕಳಲ್ಲಿ ಶೇ. 80ರಷ್ಟು ಮಂದಿ ಸಾಮಾನ್ಯ ಎತ್ತರದ ತಂದೆತಾಯಿಗೆ ಜನಿಸಿದವರು. ಅಂದರೆ ಬದಲಾವಣೆ ಅದೇ ಮಗುವಿನಲ್ಲಿ ಹೊಸದಾಗಿ ಮೂಡಿದ್ದು. ತಂದೆಯ ವಯಸ್ಸು ಹೆಚ್ಚಿದಂತೆ ಇದರ ಸಾಧ್ಯತೆಯೂ ತುಸು ಹೆಚ್ಚುತ್ತದೆ. ಗ್ರಹಣ ಕಾಲದಲ್ಲಿ ಹೊರಗೆ ಬಂದಳು, ತಿನ್ನಬಾರದ್ದು ತಿಂದಳು ಎಂದು ತಾಯಿಯನ್ನೇ ದೂರುವ ಮನೆಗಳಲ್ಲಿ ಈ ಸಂಗತಿಯನ್ನು ಬಿಡಿಸಿ ಹೇಳುವುದು ವೈದ್ಯರ ಕರ್ತವ್ಯವೇ ಸರಿ.

ಐದನೇ ತಿಂಗಳಿನ ಸ್ಕ್ಯಾನಿಂಗ್‌ನಲ್ಲಿ ಎಲ್ಲವೂ ಸರಿಯಿದೆ ಎಂದಿದ್ದರೂ ಮಗು ಹೀಗೆ ಹುಟ್ಟುವುದುಂಟು. ಅದು ಯಾರ ಅಜಾಗರೂಕತೆಯೂ ಆಗಬೇಕಿಲ್ಲ. ಅಕಾಂಡ್ರೊಪ್ಲೇಸಿಯಾದಲ್ಲಿ ಭ್ರೂಣದ ಕೈಕಾಲು ಮೂಳೆಗಳು ಹಿಂದೆ ಬೀಳುವುದು ಸಾಮಾನ್ಯವಾಗಿ ಆರನೇ ತಿಂಗಳ ನಂತರವೇ.

ಮೊದಲ ಎರಡು ವರ್ಷ

ಅಕಾಂಡ್ರೊಪ್ಲೇಸಿಯಾ ಉಳ್ಳವರ ಬುದ್ಧಿಶಕ್ತಿ ಎಲ್ಲರಂತೆಯೇ ಇರುತ್ತದೆ. ವಯಸ್ಕ ಪುರುಷರ ಸರಾಸರಿ ಎತ್ತರ ಸುಮಾರು 131 ಸೆಂ.ಮೀ., ಸ್ತ್ರೀಯರದು ಸುಮಾರು 124 ಸೆಂ.ಮೀ. ಆದರೆ ಅತಿ ಹೆಚ್ಚು ಎಚ್ಚರ ಬೇಕಾದದ್ದು ಎತ್ತರದ ಮಾತು ಏಳುವುದಕ್ಕಿಂತ ಬಹಳ ಮೊದಲು, ಶೈಶವದಲ್ಲಿ. ತಲೆಬುರುಡೆಯ ತಳದಲ್ಲಿ ಬೆನ್ನುಹುರಿ ಹಾದುಹೋಗುವ ರಂಧ್ರ ಈ ಶಿಶುಗಳಲ್ಲಿ ಕಿರಿದಾಗಿರುತ್ತದೆ. ಉಸಿರಾಟವನ್ನು ನಿಯಂತ್ರಿಸುವ ಭಾಗ ಅಲ್ಲಿಯೇ ಒತ್ತಿಹೋದರೆ ಮಗು ನಿದ್ರೆಯಲ್ಲಿಯೇ ಸಾವನ್ನಪ್ಪಬಹುದು. ಕಾಲು ಸೋಲುವುದು, ಹಾಲು ಕುಡಿಯಲು ಕಷ್ಟಪಡುವುದು, ಮಲಗಿದಾಗ ಉಸಿರು ನಿಂತು ನಿಂತು ಬರುವುದು ಮುಂತಾದ ಲಕ್ಷಣಗಳು ಕಂಡರೆ ಎಂಆರ್‌ಐ ಮತ್ತು ನಿದ್ರಾ ಪರೀಕ್ಷೆ ಅಗತ್ಯ. ಒತ್ತಡ ತೀವ್ರವಾಗಿದ್ದರೆ ಶಸ್ತ್ರಚಿಕಿತ್ಸೆಯಿಂದ ಆ ರಂಧ್ರವನ್ನು ಅಗಲಗೊಳಿಸಲಾಗುತ್ತದೆ.

ಇಲ್ಲಿಯೇ ಬಾಣಂತನದ ರೂಢಿಗಳ ಮಾತೂ ಬರುತ್ತದೆ. ತಲೆ ದೊಡ್ಡದು, ಕುತ್ತಿಗೆ ಬಲವಿಲ್ಲದ್ದು. ಇಂತಹ ಶಿಶುವನ್ನು ಎಣ್ಣೆ ಹಚ್ಚಿ ಎಳೆದು ನೀವುವುದು, ತಲೆಗೆ ಆಸರೆಯಿಲ್ಲದೆ ಎತ್ತುವುದು ಅಪಾಯಕಾರಿ. ನಾಲ್ಕೈದು ತಿಂಗಳಿಗೇ ದಿಂಬು ಆನಿಸಿ ಕೂರಿಸಿದರೆ ಇನ್ನೂ ಗಟ್ಟಿಯಾಗದ ಬೆನ್ನು ಗೂನಾಗಿ ಬಾಗುತ್ತದೆ. ಈ ಮಕ್ಕಳು ಕೂರುವುದೂ ನಡೆಯುವುದೂ ತಡವಾಗಿಯೇ. ಎರಡು ವರ್ಷ ತುಂಬುವ ಹೊತ್ತಿಗೆ ನಡೆದರೂ ಅದು ಅವರ ಮಟ್ಟಿಗೆ ಸಹಜ. ನೆರೆಮನೆಯ ಮಗುವಿನೊಂದಿಗೆ ಹೋಲಿಸಿ ಅವಸರಿಸುವುದರಿಂದ ಹಾನಿಯೇ ಹೆಚ್ಚು.

ಮುಂದೆ ಕಿವಿ ಸೋರುವುದು ಪದೇ ಪದೇ ಮರುಕಳಿಸಿ ಶ್ರವಣಶಕ್ತಿ ಕುಗ್ಗಬಹುದು. ಕಾಲು ಬಿಲ್ಲಿನಂತೆ ಬಾಗಬಹುದು. ದೇಹದ ತೂಕ ಏರಿದಷ್ಟೂ ಕೀಲು, ಬೆನ್ನು, ಉಸಿರಾಟ ಮೂರರ ಮೇಲೂ ಭಾರ. ನಡುವಯಸ್ಸಿನಲ್ಲಿ ಬೆನ್ನುಹುರಿಯ ನಾಳ ಕಿರಿದಾಗಿ, ಸ್ವಲ್ಪ ದೂರ ನಡೆದೊಡನೆ ಕಾಲು ಜೋಮು ಹಿಡಿದು ಕುಳಿತುಕೊಳ್ಳಬೇಕಾದ ಸ್ಥಿತಿ ಅನೇಕರಿಗೆ ಬರುತ್ತದೆ. ಗರ್ಭಿಣಿಯರಿಗೆ ಸೊಂಟದ ಮೂಳೆ ಕಿರಿದಾಗಿರುವುದರಿಂದ ಸಿಸೇರಿಯನ್ ಹೆರಿಗೆಯೇ ಬೇಕಾಗುತ್ತದೆ. ಅರಿವಳಿಕೆ ನೀಡುವವರಿಗೆ ಮುಂಚಿತವಾಗಿ ತಿಳಿಸಿರುವುದು ಅತ್ಯಗತ್ಯ.

ಔಷಧದ ವಿಷಯದಲ್ಲಿ 2021 ಒಂದು ತಿರುವು. ಆ ವರ್ಷ ಯುರೋಪ್ ಮತ್ತು ಅಮೆರಿಕದಲ್ಲಿ ವೊಸೊರಿಟೈಡ್ ಎಂಬ ದಿನನಿತ್ಯದ ಚುಚ್ಚುಮದ್ದಿಗೆ ಒಪ್ಪಿಗೆ ದೊರೆಯಿತು. ಮೂಳೆ ಬೆಳೆಯುವ ವಯಸ್ಸಿನಲ್ಲಿ ಇದು ವರ್ಷಕ್ಕೆ ಸುಮಾರು ಒಂದೂವರೆ ಸೆಂಟಿಮೀಟರ್ ಹೆಚ್ಚುವರಿ ಬೆಳವಣಿಗೆ ನೀಡುತ್ತದೆ. ಬೆಲೆ ಮಾತ್ರ ಸಾಮಾನ್ಯ ಕುಟುಂಬದ ಕೈಗೆ ಎಟುಕುವಂಥದಲ್ಲ. ಮೂಳೆಯನ್ನು ಕತ್ತರಿಸಿ ಚೌಕಟ್ಟು ಬಿಗಿದು ಉದ್ದಗೊಳಿಸುವ ಶಸ್ತ್ರಚಿಕಿತ್ಸೆ ಹಳೆಯದು. ತಿಂಗಳುಗಟ್ಟಲೆ ನೋವು, ಸೋಂಕಿನ ಭಯ ಅದರ ಬೆನ್ನಿಗಿವೆ. ಕುಬ್ಜತೆಯುಳ್ಳ ಅನೇಕರು, ಬದಲಾಗಬೇಕಿರುವುದು ನಮ್ಮ ಮೂಳೆಯೇ ಅಥವಾ ಬಸ್ಸಿನ ಮೆಟ್ಟಿಲೇ ಎಂಬ ಪ್ರಶ್ನೆಯನ್ನೂ ಎತ್ತುತ್ತಾರೆ.

ಮಲೆನಾಡಿನ ಹಂದಿಗೋಡು

ಇದುವರೆಗಿನದು ಜಗತ್ತಿನ ಎಲ್ಲೆಡೆ ಕಾಣುವ ಕುಬ್ಜತೆಯ ಕಥೆ. ಕರ್ನಾಟಕಕ್ಕೆ ತನ್ನದೇ ಆದ ಇನ್ನೊಂದು ಕಥೆಯಿದೆ. ಶಿವಮೊಗ್ಗ ಜಿಲ್ಲೆ ಸಾಗರ ತಾಲ್ಲೂಕಿನ ಹಂದಿಗೋಡು ಗ್ರಾಮದಲ್ಲಿ 1970ರ ದಶಕದ ಮಧ್ಯಭಾಗದಲ್ಲಿ ವಿಚಿತ್ರ ಕೀಲುಬೇನೆಯೊಂದು ವೈದ್ಯರ ಗಮನಕ್ಕೆ ಬಂದಿತು. ಸೊಂಟದ ಕೀಲಿನಲ್ಲಿ ನೋವು ಆರಂಭವಾಗಿ, ನಡಿಗೆ ಕುಂಟಾಗಿ, ಕ್ರಮೇಣ ಕೋಲು ಹಿಡಿಯದೆ ಏಳಲಾಗದ ಸ್ಥಿತಿ. ಅದೇ ಕುಟುಂಬಗಳ ಕೆಲವರಲ್ಲಿ ಎತ್ತರವೂ ಬೆಳೆಯುತ್ತಿರಲಿಲ್ಲ. ಹೀಗೆ ಆ ಊರಿನ ಹೆಸರು ವೈದ್ಯಕೀಯ ಗ್ರಂಥಗಳಲ್ಲಿ 'ಹಂದಿಗೋಡು ಕಾಯಿಲೆ' ಎಂದು ಸೇರಿಹೋಯಿತು. (ಇದೇ ಜಿಲ್ಲೆಯ ಸೊರಬ ತಾಲ್ಲೂಕಿನ ಕ್ಯಾಸನೂರು ಕೂಡ ಮಂಗನ ಕಾಯಿಲೆಯ ಮೂಲಕ 1957ರಲ್ಲಿಯೇ ಆ ಪಟ್ಟಿ ಸೇರಿತ್ತು. ಯಾವ ಊರೂ ಬಯಸುವ ಕೀರ್ತಿಯಲ್ಲ ಇದು.)

ಹೈದರಾಬಾದಿನ ರಾಷ್ಟ್ರೀಯ ಪೌಷ್ಟಿಕತಾ ಸಂಸ್ಥೆಯ ತಜ್ಞರು ಮೊದಲು ಅಧ್ಯಯನ ಕೈಗೊಂಡು 1977ರಲ್ಲಿ ಇದನ್ನು ಮಲೆನಾಡಿನ ಕೌಟುಂಬಿಕ ಸಂಧಿವಾತ ಎಂದು ದಾಖಲಿಸಿದರು. ಬಾಧಿತರು ಬಹುತೇಕ ಚಲವಾದಿ ಮತ್ತು ಚನ್ನಂಗಿ ಸಮುದಾಯಗಳ ಕೃಷಿಕಾರ್ಮಿಕರು. ಗದ್ದೆಗೆ ಸಿಂಪಡಿಸಿದ ಕೀಟನಾಶಕ, ಆ ಗದ್ದೆಯ ಏಡಿಯನ್ನು ತಿನ್ನುವ ರೂಢಿ, ಇವೆರಡರ ಮೇಲೂ ಆಗ ಸಂಶಯ ಮೂಡಿತ್ತು. ನಂತರದ ವರ್ಷಗಳಲ್ಲಿ ವಂಶಾವಳಿಗಳನ್ನೂ ಎಕ್ಸ್‌ರೇಗಳನ್ನೂ ಕೂಲಂಕಷವಾಗಿ ಪರಿಶೀಲಿಸಿದಾಗ ಇದು ಮೂಳೆಯ ತುದಿಗಳು ಮತ್ತು ಬೆನ್ನುಮೂಳೆಯ ಬೆಳವಣಿಗೆಯಲ್ಲಿನ ಆನುವಂಶಿಕ ದೋಷವೆಂಬ ನಿರ್ಣಯಕ್ಕೆ ಸಂಶೋಧಕರು ಬಂದರು. ತಂದೆ ಅಥವಾ ತಾಯಿ ಒಬ್ಬರಲ್ಲಿದ್ದರೂ ಪ್ರತಿ ಮಗುವಿಗೆ ಬರುವ ಸಾಧ್ಯತೆ ಅರ್ಧದಷ್ಟು. ಇದು ಅಂಟುರೋಗವಂತೂ ಅಲ್ಲ.

ಹಂದಿಗೋಡು ಕಾಯಿಲೆಯಲ್ಲಿ ಮೂರು ಬಗೆಗಳನ್ನು ಗುರುತಿಸಲಾಗಿದೆ. ಒಂದರಲ್ಲಿ ಎತ್ತರ ಸಾಮಾನ್ಯವಾಗಿದ್ದು ಸೊಂಟದ ಕೀಲು ಮಾತ್ರ ಸವೆಯುತ್ತದೆ. ಇನ್ನೊಂದರಲ್ಲಿ ಬೆನ್ನುಮೂಳೆಯೂ ಕುಗ್ಗಿ ಮುಂಡ ಗಿಡ್ಡವಾಗುತ್ತದೆ. ಮೂರನೆಯದು ಕುಬ್ಜತೆ: ಎತ್ತರ ಕುಂಠಿತ, ಮಂಡಿ ವಕ್ರ, ಅನೇಕ ಕೀಲುಗಳಲ್ಲಿ ವಿಕಾರ. ಶಿವಮೊಗ್ಗವಲ್ಲದೆ ಚಿಕ್ಕಮಗಳೂರು ಜಿಲ್ಲೆಯ ಹಳ್ಳಿಗಳಲ್ಲೂ ಇದು ಕಂಡುಬಂದಿದೆ. ನಾಟಿ, ಕಳೆ, ಕೊಯ್ಲು ಎಲ್ಲವೂ ಬಗ್ಗಿ ಮಾಡುವ ಕೆಲಸ. ಬಗ್ಗಲಾಗದವರಿಗೆ ಗದ್ದೆಯಲ್ಲಿ ಕೂಲಿಯಿಲ್ಲ. ಸೊಂಟದ ಕೀಲು ಬದಲಿಸುವ ಶಸ್ತ್ರಚಿಕಿತ್ಸೆಯಿಂದ ನೋವು ತಗ್ಗಿಸಬಹುದಾದರೂ ಆ ನಂತರದ ವಿಶ್ರಾಂತಿ, ವ್ಯಾಯಾಮ, ಮರುತಪಾಸಣೆಗಳು ದಿನಗೂಲಿಯ ಮನೆಗೆ ಸುಲಭದ ಮಾತಲ್ಲ.

ನಗೆಯ ನೆರಳು

ಬಾದಾಮಿಯ ಗುಹಾಲಯಗಳ ಜಗುಲಿಯುದ್ದಕ್ಕೂ ಗಿಡ್ಡ ಗಣಗಳ ಸಾಲೊಂದಿದೆ. ಕುಣಿಯುವ, ವಾದ್ಯ ನುಡಿಸುವ ಆ ಗಣಗಳನ್ನು ಚಾಲುಕ್ಯ ಶಿಲ್ಪಿಗಳು ಸಂಭ್ರಮದಿಂದಲೇ ಕಡೆದಿದ್ದಾರೆ. ನಿಜಜೀವನದಲ್ಲಿ ಕುಬ್ಜತೆಯುಳ್ಳವರಿಗೆ ಸಮಾಜ ಬಹುಕಾಲ ಮೀಸಲಿಟ್ಟ ಜಾಗ ಸರ್ಕಸ್ಸಿನ ಡೇರೆ, ಮದುವೆ ಮಂಟಪದ ಹೆಬ್ಬಾಗಿಲು ಮತ್ತು ಚಲನಚಿತ್ರದ ಹಾಸ್ಯದ ದೃಶ್ಯ. ಕನ್ನಡದಲ್ಲಿ ದ್ವಾರಕೀಶ್ ಅವರು 'ಕುಳ್ಳ' ಎಂಬ ಪದವನ್ನು ತಾವೇ ಎತ್ತಿಕೊಂಡು 1972ರಲ್ಲಿ 'ಕುಳ್ಳ ಏಜೆಂಟ್ 000' ತಯಾರಿಸಿ ಅದನ್ನು ಬಿರುದಾಗಿಸಿಕೊಂಡರು. ಆದರೆ ಸ್ವತಃ ಹಾಕಿಕೊಂಡ ಹೆಸರಿಗೂ ಶಾಲೆಯ ಅಂಗಳದಲ್ಲಿ ಇತರರು ಕೂಗುವ 'ಕುಳ್ಳ', 'ಗಿಡ್ಡ', 'ಗುಜ್ಜಾರಿ'ಗಳಿಗೂ ವ್ಯತ್ಯಾಸವಿದೆ. 1989ರ ತಮಿಳು ಚಿತ್ರ 'ಅಪೂರ್ವ ಸಗೋದರರ್ಗಳ್'ನಲ್ಲಿ ಕುಬ್ಜನ ಪಾತ್ರ ಮಾಡಿದವರು ಕಮಲಹಾಸನ್. 2005ರ ಮಲಯಾಳಂ ಚಿತ್ರ 'ಅದ್ಭುತ ದ್ವೀಪ್'ನಲ್ಲಿ ಮಾತ್ರ ಗಿನ್ನೆಸ್ ಪಕ್ರು ಅವರೇ ನಾಯಕ.

ದೈನಂದಿನ ತೊಡಕುಗಳು ಇದಕ್ಕಿಂತ ಸಪ್ಪೆ, ಆದರೆ ಬಿಡುವಿಲ್ಲದವು. ಬಸ್ಸಿನ ಮೊದಲ ಮೆಟ್ಟಿಲು, ಬ್ಯಾಂಕಿನ ಕೌಂಟರು, ಎಟಿಎಂ ಪರದೆ, ಲಿಫ್ಟಿನ ಗುಂಡಿ, ತರಗತಿಯ ಬೆಂಚು, ಶೌಚಾಲಯದ ಚಿಲಕ, ಯಾವುದೂ ಅವರ ಕೈಗೆ ಎಟುಕುವಂತೆ ಮಾಡಿದ್ದಲ್ಲ. ವಯಸ್ಕರನ್ನು ಮಗುವಿನಂತೆ ಏಕವಚನದಲ್ಲಿ ಮಾತನಾಡಿಸುವುದು, ಅನುಮತಿ ಕೇಳದೆ ಮೊಬೈಲಿನಲ್ಲಿ ಚಿತ್ರ ತೆಗೆಯುವುದು ಇದಕ್ಕೆ ಸೇರಿದ ಅವಮಾನಗಳು. ಸಾರ್ವಜನಿಕವಾಗಿ ಅಂಗವಿಕಲರನ್ನು ಉದ್ದೇಶಪೂರ್ವಕವಾಗಿ ಅವಮಾನಿಸಿದರೆ 2016ರ ಕಾಯ್ದೆಯ 92ನೇ ಕಲಂ ಪ್ರಕಾರ ಆರು ತಿಂಗಳಿಂದ ಐದು ವರ್ಷದವರೆಗೆ ಸೆರೆವಾಸ ವಿಧಿಸಬಹುದು. ಅಂಗವಿಕಲರನ್ನು ಚಿತ್ರಗಳಲ್ಲಿ ಗೇಲಿಗೆ ಗುರಿಮಾಡುವುದರ ಬಗ್ಗೆ ಸುಪ್ರೀಂ ಕೋರ್ಟ್ 2024ರ ಜುಲೈನಲ್ಲಿ ಮಾರ್ಗಸೂಚಿಯನ್ನೂ ನೀಡಿತು.

ಬಾಗಿಲು ಮುಚ್ಚಿದಾಗ ನ್ಯಾಯಾಲಯದ ಮೆಟ್ಟಿಲೇರಿದವರೂ ಇದ್ದಾರೆ. ಗುಜರಾತಿನ ಗಣೇಶ್ ಬಾರೈಯಾ ಅವರ ಎತ್ತರ ಸುಮಾರು 3 ಅಡಿ. ಅರ್ಹತಾ ಪರೀಕ್ಷೆಯಲ್ಲಿ ತೇರ್ಗಡೆಯಾದರೂ ಎತ್ತರದ ಕಾರಣಕ್ಕೆ ಎಂಬಿಬಿಎಸ್ ಪ್ರವೇಶ ನಿರಾಕರಿಸಲಾಯಿತು. 2018ರಲ್ಲಿ ಸುಪ್ರೀಂ ಕೋರ್ಟ್ ಅವರ ಪರವಾಗಿ ತೀರ್ಪಿತ್ತಿತು. ಭಾವನಗರದ ಸರ್ಕಾರಿ ವೈದ್ಯಕೀಯ ಕಾಲೇಜಿನಲ್ಲಿ ಓದಿ ಅವರು ವೈದ್ಯರಾದರು. ಕ್ರೀಡೆಯಲ್ಲಿ 2024ರ ಪ್ಯಾರಿಸ್ ಪ್ಯಾರಾಲಿಂಪಿಕ್ಸ್‌ನ ಎಫ್41 ಜಾವೆಲಿನ್‌ನಲ್ಲಿ ನವದೀಪ್ ಸಿಂಗ್ 47.32 ಮೀಟರ್ ಎಸೆದು ಚಿನ್ನ ಗೆದ್ದರೆ, ನಮ್ಮ ಗಡಿಯಾಚೆಯ ಹೊಸೂರಿನ ನಿತ್ಯಾ ಶ್ರೀ ಶಿವನ್ ಬ್ಯಾಡ್ಮಿಂಟನ್ ಎಸ್‌ಎಚ್6 ವಿಭಾಗದಲ್ಲಿ ಕಂಚು ಗಳಿಸಿದರು.

ಪ್ರಮಾಣಪತ್ರದ ಲೆಕ್ಕ

ಸರ್ಕಾರಿ ಉದ್ಯೋಗದಲ್ಲಿ ಶೇ. 4, ಉನ್ನತ ಶಿಕ್ಷಣದಲ್ಲಿ ಶೇ. 5ರ ಮೀಸಲಾತಿ ದೊರೆಯಲು ಕನಿಷ್ಠ ಶೇ. 40 ವೈಕಲ್ಯದ ಪ್ರಮಾಣಪತ್ರ ಬೇಕು. ಕೇಂದ್ರ ಸರ್ಕಾರ 2018ರ ಜನವರಿಯಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ ಕುಗ್ಗಿದ ಪ್ರತಿ ಒಂದು ಅಂಗುಲಕ್ಕೆ ಶೇ. 4ರಂತೆ ಎಣಿಸುವ ಕ್ರಮವಿತ್ತು. ಕಾಯ್ದೆಯ 4 ಅಡಿ 10 ಅಂಗುಲದಿಂದ ಲೆಕ್ಕ ಹಿಡಿದರೆ, ಎತ್ತರವೊಂದರಿಂದಲೇ ಶೇ. 40 ಮುಟ್ಟಲು ವ್ಯಕ್ತಿ 4 ಅಡಿಗೆ ಇಳಿಯಬೇಕು. ಆದ್ದರಿಂದ 4 ಅಡಿ 3 ಅಂಗುಲದವರು ಎತ್ತರವನ್ನಷ್ಟೇ ಅಳೆಯಿಸಿಕೊಂಡು ಬಂದರೆ ಬರಿಗೈಯಲ್ಲಿ ಮರಳುವ ಸಂಭವವೇ ಹೆಚ್ಚು. ಕೀಲು, ಬೆನ್ನುಮೂಳೆ, ಕಾಲಿನ ವಕ್ರತೆಗಳನ್ನು ಪ್ರತ್ಯೇಕವಾಗಿ ಅಳೆದು ಒಟ್ಟುಗೂಡಿಸಲು ಅದೇ ಮಾರ್ಗಸೂಚಿಯಲ್ಲಿ ಅವಕಾಶ ಕಲ್ಪಿಸಲಾಗಿತ್ತು. ಹಂದಿಗೋಡು ಕಾಯಿಲೆಯ ಮೊದಲ ಬಗೆಯವರು ಎತ್ತರದಲ್ಲಿ ಸಾಮಾನ್ಯರಂತಿದ್ದರೂ ಸೊಂಟದ ವೈಕಲ್ಯದ ಆಧಾರದ ಮೇಲೆ ಚಲನ ವೈಕಲ್ಯದಡಿ ಅರ್ಜಿ ಸಲ್ಲಿಸಬಹುದು.

ಅರ್ಜಿಯನ್ನು ಯುಡಿಐಡಿ ಜಾಲತಾಣದಲ್ಲಿ ಸಲ್ಲಿಸಬೇಕು. ಗ್ರಾಮ ಪಂಚಾಯಿತಿಯಲ್ಲಿರುವ ಗ್ರಾಮೀಣ ಪುನರ್ವಸತಿ ಕಾರ್ಯಕರ್ತರು, ತಾಲ್ಲೂಕಿನ ವಿವಿಧೋದ್ದೇಶ ಪುನರ್ವಸತಿ ಕಾರ್ಯಕರ್ತರು ಇದಕ್ಕೆ ನೆರವಾಗುತ್ತಾರೆ. ತಪಾಸಣೆಗೆ ಹೋಗುವಾಗ ಹಳೆಯ ಎಕ್ಸ್‌ರೇ, ಎಂಆರ್‌ಐ, ಶಸ್ತ್ರಚಿಕಿತ್ಸೆಯ ದಾಖಲೆಗಳನ್ನು ಕೊಂಡೊಯ್ಯುವುದು ಒಳಿತು. ಕಾರಣ ಯಾವುದೆಂದು ಖಚಿತಪಡಿಸಿಕೊಳ್ಳಲು, ಮುಂದಿನ ಮಗುವಿನ ಬಗ್ಗೆ ಸಲಹೆ ಪಡೆಯಲು ಮಣಿಪಾಲದ ಕಸ್ತೂರ್ಬಾ ವೈದ್ಯಕೀಯ ಕಾಲೇಜಿನ ತಳಿವಿಜ್ಞಾನ ವಿಭಾಗ, ಬೆಂಗಳೂರಿನ ಸೆಂಟರ್ ಫಾರ್ ಹ್ಯೂಮನ್ ಜೆನೆಟಿಕ್ಸ್ ರಾಜ್ಯದೊಳಗೇ ಇವೆ.