ಮಾತೆಯ ಹಬ್ಬಕ್ಕೆ ಒಂದು ಕಹಿ ಸೊಪ್ಪು



ಆಗಸ್ಟ್ 15 ಬಂತೆಂದರೆ ನಮ್ಮ ಧರ್ಮಕೇಂದ್ರಗಳಲ್ಲಿ ಎರಡು ಸಂಭ್ರಮ. ಒಂದು ಕಡೆ ಧ್ವಜಾರೋಹಣ, ಇನ್ನೊಂದು ಕಡೆ ಮಾತೆ ಮರಿಯಮ್ಮನವರ ಸ್ವರ್ಗಾರೋಪಣದ ಮಹೋತ್ಸವ. 1950ರ ನವೆಂಬರ್ 1ರಂದು ಜಗದ್ಗುರು ಹನ್ನೆರಡನೇ ಪಿಯುಸ್ ಅವರು ಇದನ್ನು ವಿಶ್ವಾಸಸತ್ಯವೆಂದು ಘೋಷಿಸಿದ ವಿಷಯವನ್ನು ನೀವು ಪ್ರತಿವರ್ಷ ಪ್ರಬೋಧನೆಯಲ್ಲಿ ಕೇಳುತ್ತೀರಿ. ಈ ಸಲ ನಾನು ಒಂದು ಸೊಪ್ಪಿನ ಬಗ್ಗೆ ಬರೆಯುತ್ತಿದ್ದೇನೆ. ಸ್ವಾಮಿಯವರಿಗೆ ಏನಾಯಿತು ಎಂದು ನಗಬೇಡಿ. ಈ ಸೊಪ್ಪಿನ ವಿಷಯದಲ್ಲಿ ನನ್ನದೊಂದು ತಪ್ಪು ಇದೆ. ಮೊದಲು ಅದನ್ನು ಹೇಳಿಬಿಡುತ್ತೇನೆ.

ಗುರುದೀಕ್ಷೆ ಪಡೆದ ಹೊಸತು. ಒಂದು ಹಳ್ಳಿಯ ಧರ್ಮಕೇಂದ್ರದಲ್ಲಿ ಸಹಾಯಕ ಗುರುವಾಗಿದ್ದೆ. ಮನೆಗಳನ್ನು ಆಶೀರ್ವದಿಸಲು ಹೋದಾಗ ಒಂದು ಮನೆಯಲ್ಲಿ ಎರಡು ತಿಂಗಳ ಕೂಸು ತೊಟ್ಟಿಲಲ್ಲಿ ಮಲಗಿತ್ತು. ತೊಟ್ಟಿಲ ಹಗ್ಗಕ್ಕೆ ನೂಲಿನಿಂದ ಕಟ್ಟಿದ ಒಂದು ಹಿಡಿ ಮಾಚಿಪತ್ರೆ. ಸೆಮಿನರಿಯಿಂದ ಆಗಷ್ಟೇ ಹೊರಬಂದವನಿಗೆ ಎಲ್ಲ ಕಡೆಯೂ ಮೂಢನಂಬಿಕೆಯೇ ಕಾಣುತ್ತಿತ್ತು. “ಗೋಡೆಯ ಮೇಲೆ ಶಿಲುಬೆ ಇರುವಾಗ ಇದೇಕೆ?” ಎಂದು ಎಲ್ಲರೆದುರು ಅಜ್ಜಿಯನ್ನು ಗದರಿದೆ. ಅಜ್ಜಿ ಒಂದು ಮಾತೂ ಆಡದೆ ಕಟ್ಟನ್ನು ಬಿಚ್ಚಿ ಹೊರಗೆ ಹಾಕಿ ಬಂದರು. ಕೈ ಒರೆಸಿಕೊಂಡು ಮೊಣಕಾಲೂರಿ ಪ್ರಾರ್ಥನೆಗೆ ಸೇರಿಕೊಂಡರು. ನಾನು ದೊಡ್ಡ ಸುಧಾರಣೆ ಮಾಡಿದವನಂತೆ ಮುಂದಿನ ಮನೆಗೆ ನಡೆದೆ.

ಕೆಲವು ವರ್ಷಗಳ ನಂತರ, ಜರ್ಮನಿಯ ದಕ್ಷಿಣ ಭಾಗದಲ್ಲಿ ಸೇವೆ ಮಾಡುತ್ತಿದ್ದ ನನ್ನ ಸಹಪಾಠಿ ಗುರುವೊಬ್ಬರು ಸ್ವರ್ಗಾರೋಪಣದ ಹಬ್ಬದ ಕೆಲವು ಚಿತ್ರಗಳನ್ನು ಕಳುಹಿಸಿದರು. ಚರ್ಚಿನ ತುಂಬ ಹೆಂಗಸರು, ಮಕ್ಕಳು. ಪ್ರತಿಯೊಬ್ಬರ ಕೈಯಲ್ಲೂ ಹಸಿ ಗಿಡಮೂಲಿಕೆಗಳ ಒಂದು ಕಟ್ಟು. ಗುರುಗಳು ಅವುಗಳ ಮೇಲೆ ತೀರ್ಥ ಪ್ರೋಕ್ಷಿಸುತ್ತಿದ್ದಾರೆ. ಒಂದು ಚಿತ್ರವನ್ನು ಹತ್ತಿರದಿಂದ ನೋಡಿದೆ. ಹೂಗಳ ನಡುವೆ ಸೀಳು ಸೀಳಾದ, ಅಡಿಭಾಗ ಬೂದು ಬಣ್ಣದ ಎಲೆ. ಅಜ್ಜಿ ಬಿಚ್ಚಿ ಎಸೆದ ಅದೇ ಎಲೆಯ ಅಣ್ಣನೋ ತಮ್ಮನೋ ಇರಬೇಕು! ಅಂದಿನಿಂದ ಈ ಗಿಡದ ಬೆನ್ನು ಹತ್ತಿದೆ.

ಸಸ್ಯಶಾಸ್ತ್ರಜ್ಞರು ಇದರ ಕುಲವನ್ನು ಆರ್ಟೆಮೀಸಿಯ ಎಂದು ಕರೆಯುತ್ತಾರೆ. ನಮ್ಮ ಸೇವಂತಿಗೆಯ ದೊಡ್ಡ ಕುಟುಂಬಕ್ಕೆ ಸೇರಿದ್ದು. ಹೂವು ಕಣ್ಣಿಗೆ ಬೀಳದಷ್ಟು ಚಿಕ್ಕದು, ಪರಿಮಳವೆಲ್ಲ ಎಲೆಯಲ್ಲಿ, ರುಚಿ ಮಾತ್ರ ಕಹಿ. ನಾನೂರಕ್ಕೂ ಹೆಚ್ಚು ಜಾತಿಗಳಿವೆ. ನಮ್ಮ ಮಾಚಿಪತ್ರೆ ಅವುಗಳಲ್ಲಿ ಒಂದು. ಬೆಂಗಳೂರಿನ ಹೂವಿನ ಮಾರುಕಟ್ಟೆಯಲ್ಲಿ ಮಾಲೆಗಳ ನಡುವೆ ಸೇರಿಸಿ ಕಟ್ಟುವ ದವನವೂ ಇದೇ ಕುಲದ್ದು ಎಂದರೆ ನಿಮಗೆ ಆಶ್ಚರ್ಯವಾಗಬಹುದು. ನಮ್ಮ ರಾಜ್ಯದ ರೈತರು ಚಳಿಗಾಲದಲ್ಲಿ ಬೆಳೆಯುವ ಈ ದವನದಿಂದ ಬಟ್ಟಿ ಇಳಿಸಿದ ಎಣ್ಣೆ ಹೊರದೇಶಗಳ ಸುಗಂಧ ದ್ರವ್ಯಗಳಿಗೆ ಸೇರುತ್ತದೆ. ನಮ್ಮ ಹಿಂದೂ ಸಹೋದರರಿಗೆ ಚೈತ್ರದ ಹುಣ್ಣಿಮೆ ದವನದ ಹುಣ್ಣಿಮೆ. ಗಣೇಶ ಚತುರ್ಥಿಯಂದು ಅರ್ಪಿಸುವ ಇಪ್ಪತ್ತೊಂದು ಪತ್ರೆಗಳಲ್ಲಿ ಮೊದಲನೆಯದು ಮಾಚಿಪತ್ರೆ. ಆದ್ದರಿಂದ ಅಜ್ಜಿಯ ಹಿತ್ತಲಿನಲ್ಲಿ ಅದು ಇದ್ದುದರಲ್ಲಿ ವಿಶೇಷವೇನೂ ಇಲ್ಲ.

ಇನ್ನು ಬೈಬಲಿಗೆ ಬರೋಣ. ಹಳೆಯ ಒಡಂಬಡಿಕೆಯಲ್ಲಿ ‘ಲಅನಾ’ ಎಂಬ ಹೀಬ್ರೂ ಪದ ಎಂಟು ಸಲ ಬರುತ್ತದೆ. ಸಿನಾಯಿ, ನೆಗೆವ್ ಮತ್ತು ಯೂದಾಯದ ಮರಳುಗಾಡುಗಳಲ್ಲಿ ಬೆಳೆಯುವ ಬೂದು ಬಣ್ಣದ ಕುರುಚಲು ಆರ್ಟೆಮೀಸಿಯವೇ ಇದು ಎಂಬುದು ಹೆಚ್ಚಿನ ಪಂಡಿತರ ಅಭಿಪ್ರಾಯ. ಅಲ್ಲಿನ ಬೆದೂಯಿನ್ ಕುರುಬರು ಇಂದಿಗೂ ಹೊಟ್ಟೆನೋವಿಗೆ ಇದರ ಕಷಾಯ ಕುಡಿಯುತ್ತಾರೆ, ‘ಶೀಹ್’ ಎಂದು ಕರೆಯುತ್ತಾರೆ. ಆದರೆ ಶ್ರೀಗ್ರಂಥದಲ್ಲಿ ಇದರ ಔಷಧಿ ಗುಣದ ಮಾತೇ ಇಲ್ಲ! ಎಂಟು ಕಡೆಯೂ ಬರೀ ಕಹಿ. ಧರ್ಮೋಪದೇಶಕಾಂಡದ 29ನೇ ಅಧ್ಯಾಯದಲ್ಲಿ ಅನ್ಯದೇವರುಗಳ ಕಡೆ ತಿರುಗುವ ಹೃದಯವೇ ಈ ಗಿಡದ ಬೇರು. ಪ್ರವಾದಿ ಯೆರೆಮೀಯರ ಗ್ರಂಥದಲ್ಲಿ ಎರಡು ಸಲ ದೇವರು ಇದನ್ನೇ ಜನರಿಗೆ ಆಹಾರವಾಗಿ ಉಣಿಸುವೆನೆನ್ನುತ್ತಾರೆ. ಜೆರುಸಲೇಮ್ ಪಾಳುಬಿದ್ದಾಗ ಹುಟ್ಟಿದ ಪ್ರಲಾಪಗಳ ಮೂರನೇ ಅಧ್ಯಾಯದಲ್ಲಿ ಎಲ್ಲವನ್ನೂ ಕಳೆದುಕೊಂಡವನೊಬ್ಬ ತಾನು ಇದನ್ನು ಕುಡಿದು ತುಂಬಿಹೋದೆನೆಂದು ಅಳುತ್ತಾನೆ.

ನನ್ನನ್ನು ಹೆಚ್ಚು ತಟ್ಟಿದ್ದು ಪ್ರವಾದಿ ಆಮೋಸ. ಕುರಿ ಕಾಯುತ್ತಿದ್ದವನು, ತೆಕೋವದ ಮರಳುಗಾಡಿನ ಅಂಚಿನವನು. ಈ ಗಿಡವನ್ನು ಪುಸ್ತಕದಲ್ಲಿ ಓದಿ ತಿಳಿದವನಲ್ಲ, ದಿನವೂ ತುಳಿದು ನಡೆದವನು. ಅವನು ಐದನೇ ಮತ್ತು ಆರನೇ ಅಧ್ಯಾಯಗಳಲ್ಲಿ ಎರಡು ಸಲ ಹೇಳುವ ಮಾತು ಒಂದೇ: ನ್ಯಾಯವನ್ನು ಈ ಕಹಿ ಗಿಡವನ್ನಾಗಿ ಮಾಡಿದವರು ನೀವು. ನ್ಯಾಯಸ್ಥಾನಕ್ಕೆ ಬಂದ ಬಡವನಿಗೆ ಸಿಹಿ ಫಲ ಸಿಗಬೇಕಿತ್ತು, ಬಾಯಿಗೆ ಬಿದ್ದದ್ದು ಕಹಿ. ಭೂಮಿಯ ದಾಖಲೆಗಾಗಿ ತಾಲ್ಲೂಕು ಕಚೇರಿಗೆ ವರ್ಷಗಟ್ಟಲೆ ಅಲೆದವರು ನಮ್ಮ ಧರ್ಮಕೇಂದ್ರದಲ್ಲೂ ಇದ್ದಾರೆ. ಅವರಿಗೆ ಈ ವಾಕ್ಯವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇಲ್ಲಿ ಒಂದು ಸಾಮಾನ್ಯ ತಪ್ಪನ್ನು ತಿದ್ದಬೇಕು. ಪಾಸ್ಖದ ರಾತ್ರಿ ಇಸ್ರಯೇಲರು ಕುರಿಮರಿಯ ಮಾಂಸದೊಂದಿಗೆ ತಿಂದ ಕಹಿ ಸೊಪ್ಪು ಇದೇ ಎಂದು ಕೆಲವರು ಬೋಧಿಸುತ್ತಾರೆ. ನಾನೂ ಒಮ್ಮೆ ಪವಿತ್ರ ಗುರುವಾರ ಹಾಗೆಯೇ ಹೇಳಿದ್ದೆ. ಯೆಹೂದ್ಯರ ಮಿಷ್ನಾ ಗ್ರಂಥವು ಪಾಸ್ಖಕ್ಕೆ ಸಲ್ಲುವ ಐದು ಸೊಪ್ಪುಗಳನ್ನು ಹೆಸರಿಸುತ್ತದೆ. ಮೊದಲನೆಯದು ಲೆಟ್ಯೂಸ್. ‘ಲಅನಾ’ ಆ ಐದರಲ್ಲಿ ಇಲ್ಲ. ಕಹಿ ಎಂದ ಮಾತ್ರಕ್ಕೆ ಎಲ್ಲವೂ ಒಂದೇ ಅಲ್ಲ.

ಶಿಲುಬೆಯ ಬಳಿಯ ಕಹಿ ಮಾತ್ರ ನಮ್ಮ ಗಿಡಕ್ಕೆ ಹತ್ತಿರದ್ದು. ಸಂತ ಮತ್ತಾಯರ ಶುಭಸಂದೇಶದ 27ನೇ ಅಧ್ಯಾಯದಲ್ಲಿ ಸೈನಿಕರು ಪ್ರಭುವಿಗೆ ಕೊಟ್ಟದ್ದು ‘ಖೊಲೇ’ ಬೆರೆಸಿದ ದ್ರಾಕ್ಷಾರಸ. ಈ ಗ್ರೀಕ್ ಪದಕ್ಕೆ ಪಿತ್ತ ಎಂದರ್ಥ. ಆದರೆ ಹಳೆಯ ಒಡಂಬಡಿಕೆಯನ್ನು ಗ್ರೀಕ್ ಭಾಷೆಗೆ ತಂದವರು ಜ್ಞಾನೋಕ್ತಿಗಳಲ್ಲಿಯೂ ಪ್ರಲಾಪಗಳಲ್ಲಿಯೂ ‘ಲಅನಾ’ ಇದ್ದ ಜಾಗದಲ್ಲಿ ಇದೇ ಪದವನ್ನು ಇಟ್ಟಿದ್ದಾರೆ. ಪ್ರಭು ಅದರ ರುಚಿ ನೋಡಿ ಕುಡಿಯಲೊಪ್ಪಲಿಲ್ಲ ಎಂದು ಮತ್ತಾಯರು ಬರೆಯುತ್ತಾರೆ. ಪ್ರಲಾಪಗಳಲ್ಲಿ ಅಳುತ್ತಿದ್ದವನ ಬಟ್ಟಲು ಆ ಮಧ್ಯಾಹ್ನ ಗೊಲ್ಗೊಥದ ತುಟಿಗಳಿಗೂ ತಾಕಿತು.

ಹೊಸ ಒಡಂಬಡಿಕೆಯಲ್ಲಿ ಗಿಡದ ಹೆಸರು ನೇರವಾಗಿ ಬರುವುದು ಒಂದೇ ವಾಕ್ಯದಲ್ಲಿ, ಪ್ರಕಟನಾ ಗ್ರಂಥದ 8ನೇ ಅಧ್ಯಾಯದ 11ನೇ ವಾಕ್ಯದಲ್ಲಿ. ಆಕಾಶದಿಂದ ಉರಿಯುತ್ತಾ ನದಿಗಳ ಮೇಲೆ ಬೀಳುವ ನಕ್ಷತ್ರದ ಹೆಸರು ‘ಅಪ್ಸಿಂಥೋಸ್’. ಕನ್ನಡಕ್ಕೆ ತಂದ ಹಿರಿಯರು ಅದನ್ನು ‘ಮಾಚಿಪತ್ರೆ’ ಎಂದರು. 1986ರ ಏಪ್ರಿಲ್ 26ರಂದು ಚೆರ್ನೋಬಿಲ್ ಅಣುಸ್ಥಾವರ ಸ್ಫೋಟಗೊಂಡಾಗ ಅನೇಕರು ಈ ವಾಕ್ಯವನ್ನು ತೆರೆದು ನೋಡಿದರು. ಏಕೆಂದರೆ ಆ ಊರಿನ ಹೆಸರು ಉಕ್ರೇನಿನ ಭಾಷೆಯಲ್ಲಿ ನಮ್ಮ ಮಾಚಿಪತ್ರೆಯ ಕುಲದ ಒಂದು ಗಿಡದ ಹೆಸರೇ. ಪ್ರಕಟನೆಯನ್ನು ದಿನಪತ್ರಿಕೆಯಂತೆ ಓದುವುದು ನನಗೆ ಒಪ್ಪಿಗೆಯಿಲ್ಲ. ಹಾಗಿದ್ದರೂ, ನೀರು ಕಹಿಯಾದ ಊರಿನ ಜನರಿಗೆ ಆ ವಾಕ್ಯ ಹೇಗೆ ಕೇಳಿಸಿರಬಹುದೆಂದು ಯೋಚಿಸಿ.

ಗ್ರೀಕರು, ರೋಮನರು ಈ ಗಿಡವನ್ನು ಬೇರೆ ಕಣ್ಣಿನಿಂದ ನೋಡಿದರು. ಅವರಿಗೆ ಇದು ಮೊದಲು ಔಷಧಿ. ಹೊಟ್ಟೆಹುಳಕ್ಕೆ, ಅಜೀರ್ಣಕ್ಕೆ ವೈದ್ಯರು ಇದನ್ನೇ ಕೊಡುತ್ತಿದ್ದರು. ಮಕ್ಕಳಿಗೆ ಕುಡಿಸುವಾಗ ಬಟ್ಟಲಿನ ಅಂಚಿಗೆ ಜೇನು ಸವರುತ್ತಿದ್ದರೆಂದು ರೋಮನ್ ಕವಿ ಲುಕ್ರೀಷಿಯಸ್ ಬರೆದಿದ್ದಾನೆ. ನಮ್ಮ ತಾಯಂದಿರು ಬೆಲ್ಲ ತೋರಿಸಿ ಕಷಾಯ ಕುಡಿಸಿದಂತೆಯೇ. ಕ್ರಿ.ಶ. 79ರಲ್ಲಿ ತೀರಿಕೊಂಡ ಪ್ಲಿನಿ ಹೇಳುವ ಸಂಗತಿ ಇನ್ನೂ ಚೆನ್ನಾಗಿದೆ. ರೋಮ್ ನಗರದ ಒಂದು ಹಬ್ಬದ ದಿನ ಕ್ಯಾಪಿಟಲ್ ಗುಡ್ಡದ ಮೇಲೆ ರಥಗಳ ಓಟ ನಡೆಯುತ್ತಿತ್ತು. ಗೆದ್ದವನಿಗೆ ಕುಡಿಯಲು ಈ ಕಹಿರಸ! ಆರೋಗ್ಯಕ್ಕಿಂತ ದೊಡ್ಡ ಬಹುಮಾನವಿಲ್ಲ ಎಂಬುದು ಹಿರಿಯರ ಭಾವನೆಯಂತೆ.

ಈ ಎರಡು ಧಾರೆಗಳು, ಬೈಬಲಿನ ಶೋಕದ ಕಹಿ ಮತ್ತು ವೈದ್ಯರ ಔಷಧದ ಕಹಿ, ಒಂದುಗೂಡಿದ್ದು ಮಠಗಳ ತೋಟಗಳಲ್ಲಿ. ರೈಖೆನೌ ದ್ವೀಪದ ಮಠಾಧಿಪತಿ ವಾಲಾಫ್ರಿಡ್ ಸ್ಟ್ರಾಬೊ (ಮರಣ 849) ತನ್ನ ಚಿಕ್ಕ ತೋಟದ ಗಿಡಗಳ ಮೇಲೆ ಬರೆದ ಲತೀನ್ ಕಾವ್ಯದಲ್ಲಿ ಇದಕ್ಕೂ ಜಾಗ ಕೊಟ್ಟ. ಮಠವಾಸಿನಿ ಸಂತ ಹಿಲ್ಡೆಗಾರ್ಡ್ (1098–1179) ಇದರ ರಸವನ್ನು ದ್ರಾಕ್ಷಾರಸ ಮತ್ತು ಜೇನಿನೊಡನೆ ಕಾಯಿಸಿ ಕೊಡುವ ಕ್ರಮವನ್ನು ಬರೆದಿಟ್ಟರು. ಬಳಲಿಕೆಗಳಿಗೆಲ್ಲ ಇದೇ ಒಡತಿ ಎಂಬುದು ಅವರ ಅಭಿಪ್ರಾಯ. 2012ರಲ್ಲಿ ಜಗದ್ಗುರು ಹದಿನಾರನೇ ಬೆನೆಡಿಕ್ಟರು ಅವರನ್ನು ಧರ್ಮಸಭೆಯ ಪಂಡಿತೆ ಎಂದು ಘೋಷಿಸಿದರು. ಜನಸಾಮಾನ್ಯರು ತಮ್ಮದೇ ದಾರಿ ಹಿಡಿದರು. ಸ್ನಾನಿಕ ಯೊವಾನ್ನರು ಮರಳುಗಾಡಿನಲ್ಲಿ ಈ ಗಿಡದ ನಡುಪಟ್ಟಿ ಕಟ್ಟಿಕೊಂಡಿದ್ದರೆಂದು ಕಥೆ ಹೇಳಿಕೊಂಡು ಜೂನ್ 23ರ ರಾತ್ರಿ ತಾವೂ ಅದನ್ನು ಸೊಂಟಕ್ಕೆ ಸುತ್ತಿಕೊಂಡು ಬೆಂಕಿಯ ಸುತ್ತ ಕುಣಿದರು. ಕೊನೆಗೆ ಕಷ್ಟಗಳೆಲ್ಲ ಸುಟ್ಟುಹೋಗಲಿ ಎಂದು ಅದನ್ನು ಬೆಂಕಿಗೆ ಎಸೆದರು. ಶುಭಸಂದೇಶದಲ್ಲಿರುವುದು ಚರ್ಮದ ನಡುಪಟ್ಟಿ ಎಂಬುದು ಅವರಿಗೆ ಅಡ್ಡಿಯಾದಂತೆ ಕಾಣುವುದಿಲ್ಲ.

ಸ್ವರ್ಗಾರೋಪಣದ ಹಬ್ಬಕ್ಕೂ ಗಿಡಮೂಲಿಕೆಗೂ ಏನು ಸಂಬಂಧ? ಪ್ರೇಷಿತರು ಮಾತೆಯ ಸಮಾಧಿಯನ್ನು ತೆರೆದಾಗ ದೇಹವಿರಲಿಲ್ಲ, ಹೂವು ಮತ್ತು ಸೊಪ್ಪುಗಳ ಸುಗಂಧ ತುಂಬಿತ್ತು ಎಂಬುದು ಹಳೆಯ ಪರಂಪರೆಯ ಕಥೆ. ಆಗಸ್ಟ್ ತಿಂಗಳು ಯೂರೋಪಿನಲ್ಲಿ ಗಿಡಗಳು ಹದವಾಗಿ ಬಲಿತು ಕೊಯ್ಲಿಗೆ ಬರುವ ಕಾಲವೂ ಹೌದು. ಜರ್ಮನಿ, ಆಸ್ಟ್ರಿಯ, ಪೋಲೆಂಡ್ ದೇಶಗಳಲ್ಲಿ ಈ ಹಬ್ಬಕ್ಕೆ ಮೂಲಿಕೆಗಳ ಕಟ್ಟು ತರುವ ವಾಡಿಕೆ ಶತಮಾನಗಳಿಂದ ಬಂದಿದೆ. ಪೋಲೆಂಡಿನ ಜನ ಆ ದಿನದ ಮಾತೆಯನ್ನು ‘ಮೂಲಿಕೆಗಳ ದೇವಮಾತೆ’ ಎಂದೇ ಕರೆಯುತ್ತಾರೆ. ಕಟ್ಟಿನಲ್ಲಿ ಏಳು ಬಗೆಯೋ, ಒಂಬತ್ತೋ, ಹನ್ನೆರಡೋ ಎಂಬುದು ಊರಿಂದ ಊರಿಗೆ ಬೇರೆ. ಆದರೆ ನಮ್ಮ ಕಹಿ ಸೊಪ್ಪಿಗೆ ಬಹುತೇಕ ಎಲ್ಲ ಕಡೆ ಸ್ಥಾನವಿದೆ. ಆಶೀರ್ವಾದವಾದ ಮೇಲೆ ಕಟ್ಟನ್ನು ಮನೆಯ ಶಿಲುಬೆಯ ಹಿಂದೆ ಸಿಕ್ಕಿಸಿಡುತ್ತಾರೆ. ಗುಡುಗು ಸಿಡಿಲು ಬಂದಾಗ ಒಂದು ಎಸಳು ಕೆಂಡಕ್ಕೆ ಹಾಕುತ್ತಾರೆ. ದನಕ್ಕೆ ಕಾಯಿಲೆಯಾದರೆ ಸ್ವಲ್ಪ ಮೇವಿಗೆ ಬೆರೆಸುತ್ತಾರೆ. ಕಟ್ಟನ್ನು ಸತ್ತವರ ಪೆಟ್ಟಿಗೆಯೊಳಗೆ ಇಡುವ ರೂಢಿಯೂ ಇತ್ತು.

ಇದನ್ನು ಓದುತ್ತಿದ್ದಾಗ ನನಗೆ ಮುಖ ಕೆಂಪಾಯಿತು. ತೊಟ್ಟಿಲಿನ ಹಗ್ಗಕ್ಕೂ ಶಿಲುಬೆಯ ಹಿಂಬದಿಗೂ ಎಷ್ಟು ದೂರ? ವ್ಯತ್ಯಾಸವೇ ಇಲ್ಲ ಎನ್ನುತ್ತಿಲ್ಲ. ರೋಮನ್ ಸಂಸ್ಕಾರಗ್ರಂಥದಲ್ಲಿ ಈ ಹಬ್ಬಕ್ಕಾಗಿಯೇ ಇರುವ ಮೂಲಿಕೆಗಳ ಆಶೀರ್ವಾದದ ಪ್ರಾರ್ಥನೆ ಸೊಪ್ಪಿನೊಡನೆ ಮಾತನಾಡುವುದಿಲ್ಲ, ಅದನ್ನು ಸೃಷ್ಟಿಸಿದ ದೇವರೊಡನೆ ಮಾತನಾಡುತ್ತದೆ. ಸೊಪ್ಪೇ ಕಾಯುತ್ತದೆ ಎಂದರೆ ಅದು ಮೂಢನಂಬಿಕೆ. ದೃಷ್ಟಿಯ ಹೆದರಿಕೆಯಲ್ಲೇ ಬದುಕುವ ಮನೆಗಳೂ ಇವೆ, ಅಲ್ಲಿ ಸ್ಪಷ್ಟವಾಗಿ ಬೋಧಿಸಲೇಬೇಕು. ಆದರೆ ಆ ಅಜ್ಜಿಯ ಮನಸ್ಸಿನಲ್ಲಿ ಏನಿತ್ತೆಂದು ನಾನು ಕೇಳಲೇ ಇಲ್ಲ. ಆಶೀರ್ವದಿಸಬಹುದಾಗಿದ್ದನ್ನು ಎಸೆಯಿರಿ ಎಂದೆ.

ಈ ಸೊಪ್ಪು ದುರ್ಬಳಕೆಯಾದದ್ದೂ ಉಂಟು. ಇದನ್ನೇ ಸೇರಿಸಿ ಭಟ್ಟಿ ಇಳಿಸಿದ ಅಬ್ಸಿಂಥ್ ಎಂಬ ಹಸಿರು ಮದ್ಯ ಹತ್ತೊಂಬತ್ತನೇ ಶತಮಾನದ ಫ್ರಾನ್ಸಿನಲ್ಲಿ ಎಷ್ಟೋ ಮನೆಗಳನ್ನು ಹಾಳುಮಾಡಿತು. 1910ರಲ್ಲಿ ಸ್ವಿಟ್ಜರ್ಲೆಂಡ್, 1915ರಲ್ಲಿ ಫ್ರಾನ್ಸ್ ಅದನ್ನು ನಿಷೇಧಿಸಿದವು. ಎಲ್ಲ ದೋಷವನ್ನೂ ಸೊಪ್ಪಿನ ಮೇಲೆ ಹೊರಿಸಲಾಯಿತು. ಮುಖ್ಯ ಅಪರಾಧಿ ಮದ್ಯಸಾರವೇ ಎಂಬುದು ಈಗಿನ ತಿಳಿವಳಿಕೆ, ನಿಷೇಧಗಳೂ ಈಗ ತೆರವಾಗಿವೆ. ಕುಡಿತದ ಮನೆಗಳನ್ನು ನೋಡಿರುವ ನನಗೆ ಇದರಲ್ಲಿ ಹೊಸದೇನೂ ಕಾಣಲಿಲ್ಲ.

ಇದೇ ಕುಲದ ಇನ್ನೊಂದು ಗಿಡ ಚೀನಾದ್ದು. 1967ರಲ್ಲಿ ಆ ದೇಶದ ಸರ್ಕಾರ ಮಲೇರಿಯಾಕ್ಕೆ ಹೊಸ ಔಷಧಿ ಹುಡುಕುವ ಗುಪ್ತ ಯೋಜನೆಯನ್ನು ಆರಂಭಿಸಿತು. ತೂ ಯೂಯೂ ಎಂಬ ಮಹಿಳೆ ಹಳೆಯ ವೈದ್ಯಗ್ರಂಥಗಳನ್ನು ಹುಡುಕುತ್ತಾ ಹೋದರು. ನಾಲ್ಕನೇ ಶತಮಾನದ ಗೆ ಹೋಂಗ್ ಎಂಬಾತ ಜ್ವರಕ್ಕೆ ಈ ಸೊಪ್ಪನ್ನು ಹೇಳಿದ್ದ. ಆದರೆ ಕುದಿಸಿ ಎಂದು ಬರೆದಿರಲಿಲ್ಲ, ನೀರಿನಲ್ಲಿ ನೆನೆಸಿ ಹಿಂಡಿ ಎಂದಿದ್ದ. ಬಿಸಿ ಮಾಡಿದರೆ ಗುಣ ಹಾಳಾಗುವುದೇನೋ ಎಂದು ಆಕೆಗೆ ಹೊಳೆಯಿತು. ಕಡಿಮೆ ಶಾಖದಲ್ಲಿ ಸಾರ ತೆಗೆದಾಗ, 1971ರಲ್ಲಿ, ಅದು ಫಲಿಸಿತು. ಮರುವರ್ಷ ಮೊದಲು ತಮ್ಮ ಮೇಲೆಯೇ ಪ್ರಯೋಗಿಸಿಕೊಂಡರು. 2015ರಲ್ಲಿ ಅವರಿಗೆ ನೊಬೆಲ್ ಪಾರಿತೋಷಕ ಬಂತು. ಮಂಗಳೂರಿನ ಕಡೆಯವರಿಗೆ ಮಲೇರಿಯಾ ಎಂದರೇನೆಂದು ಹೇಳಬೇಕಾಗಿಲ್ಲ. ಫಾಲ್ಸಿಪ್ಯಾರಂ ಮಲೇರಿಯಾಕ್ಕೆ ಇಂದು ನಮ್ಮ ಸರ್ಕಾರಿ ಆಸ್ಪತ್ರೆಗಳಲ್ಲಿ ಕೊಡುವ ಮಾತ್ರೆಗಳ ಆಧಾರ ಈ ಸೊಪ್ಪಿನ ಸಾರವೇ. ಹಾಗೆಂದು ಯಾರೂ ಮನೆಯಲ್ಲಿ ಸೊಪ್ಪು ಅರೆದು ಜ್ವರಕ್ಕೆ ಕುಡಿಯಬೇಡಿ, ಸಾರದ ಪ್ರಮಾಣ ತಿಳಿಯುವುದಿಲ್ಲ. ಗರ್ಭಿಣಿಯರಂತೂ ಈ ಕುಲದ ಸೊಪ್ಪುಗಳನ್ನು ಸೇವಿಸಲೇಬಾರದು.

ಕಳೆದ ವರ್ಷ ಆ ಹಳ್ಳಿಗೆ ಮತ್ತೆ ಹೋಗುವ ಸಂದರ್ಭ ಬಂತು. ಅಜ್ಜಿ ತೀರಿಕೊಂಡು ಬಹಳ ಕಾಲವಾಗಿತ್ತು. ಅಂದಿನ ಕೂಸು ಈಗ ಕಾಲೇಜಿಗೆ ಹೋಗುವ ಹುಡುಗಿ. ನಡೆದದ್ದನ್ನು ಅವಳ ತಾಯಿಗೆ ಹೇಳಿ ಕ್ಷಮೆ ಕೇಳಿದೆ. ಆಕೆಗೆ ನೆನಪೇ ಇರಲಿಲ್ಲವೋ, ನನ್ನ ಮುಜುಗರ ಕಂಡು ಹಾಗೆಂದರೋ ಗೊತ್ತಿಲ್ಲ. ಹಿತ್ತಲಿಗೆ ಕರೆದುಕೊಂಡು ಹೋದರು. ಬಾವಿಯ ಪಕ್ಕ ಗಿಡ ಇನ್ನೂ ಇತ್ತು. ಒಂದು ರೆಂಬೆ ಮುರಿದು ಕೊಟ್ಟರು. ಅದನ್ನು ಗುರುನಿವಾಸದ ಅಂಗಳದಲ್ಲಿ ನೆಟ್ಟಿದ್ದೇನೆ, ಚಿಗುರಿದೆ. ಈ ಆಗಸ್ಟ್ 15ರಂದು ಬೆಳಗಿನ ಬಲಿಪೂಜೆಗೆ ಬರುವಾಗ ನಿಮ್ಮ ಹಿತ್ತಲಲ್ಲಿರುವ ತುಳಸಿ, ದೊಡ್ಡಪತ್ರೆ, ಮಾಚಿಪತ್ರೆ, ಬೇವು ಏನಿದೆಯೋ ಅದರ ಒಂದು ಹಿಡಿ ತನ್ನಿ. ಧ್ವಜಾರೋಹಣಕ್ಕೆ ಮುಂಚೆ ಆಶೀರ್ವದಿಸುತ್ತೇನೆ.