ಪತಿಯ ತರುವಾಯ ಪತ್ನಿಯ ಹಕ್ಕು



ಕಿತ್ತೂರಿನ ಸಮೀಪದ ದೇಗಾಂವಿಗೆ ಹೋದವರು ಕಮಲನಾರಾಯಣ ದೇವಾಲಯವನ್ನು ಕಾಣದೆ ಮರಳುವುದಿಲ್ಲ. ಗೋವೆಯ ಕದಂಬ ದೊರೆ ಶಿವಚಿತ್ತ ಪೆರ್ಮಾಡಿಯ ರಾಣಿ ಕಮಲಾದೇವಿಯು ಹನ್ನೆರಡನೆಯ ಶತಮಾನದಲ್ಲಿ ಕಟ್ಟಿಸಿದ ಗುಡಿಯದು. ಸಾಲಾಗಿರುವ ಮೂರು ಗರ್ಭಗೃಹಗಳನ್ನೂ ಕಂಬಗಳ ಕುಸುರಿಯನ್ನೂ ಕೊಂಡಾಡುವವರು ಬಹಳ. ನಮಗೆ ಅಲ್ಲಿ ನಿಂತಾಗಲೆಲ್ಲ ಹೊಳೆಯುವ ಸಂಗತಿಯೇ ಬೇರೆ. ಗುಡಿಯ ಹೆಸರಿನಲ್ಲಿ ಉಳಿದಿರುವುದು ದೊರೆಯಲ್ಲ, ರಾಣಿ. ಪತಿ ಬದುಕಿರುವಾಗ ಪತ್ನಿಯ ಹೆಸರು ಕಲ್ಲಿನಲ್ಲಿ ನಿಲ್ಲುವುದು ಸಾಧ್ಯವಿತ್ತು. ಪತಿ ತೀರಿಕೊಂಡ ಮೇಲೆ ಆಕೆಯ ಕೈಯಲ್ಲಿ ಏನು ಉಳಿಯುತ್ತಿತ್ತು?

ಆ ಗುಡಿಗಿಂತ ಸುಮಾರು ಅರ್ಧ ಶತಮಾನ ಮೊದಲು, ಇದೇ ಕನ್ನಡ ನೆಲದ ಕಲ್ಯಾಣದಲ್ಲಿ, ಆರನೆಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ 'ಮಿತಾಕ್ಷರಾ' ವ್ಯಾಖ್ಯಾನವನ್ನು ರಚಿಸಿದನು. ದಾಯಾದಿಗಳಿಂದ ಬೇರ್ಪಟ್ಟು, ಗಂಡುಸಂತಾನವಿಲ್ಲದೆ ಸತ್ತವನ ಆಸ್ತಿಗೆ ಪತ್ನಿಯೇ ಮೊದಲ ಹಕ್ಕುದಾರಳೆಂದು ಆತನ ನಿರ್ಣಯ. ಸ್ತ್ರೀಧನವೆಂಬ ಪದಕ್ಕೂ ಆತನು ವಿಶಾಲವಾದ ಅರ್ಥವನ್ನೇ ಕೊಟ್ಟನು. ಆದರೆ ಅವಿಭಕ್ತ ಕುಟುಂಬದಲ್ಲಿ ಗಂಡನನ್ನು ಕಳೆದುಕೊಂಡವಳಿಗೆ ಆಸ್ತಿಯಿಲ್ಲ, ಜೀವನಾಂಶ ಮಾತ್ರ. ನಮ್ಮ ಹಳ್ಳಿಗಳಲ್ಲಿ ಬಹುತೇಕ ಮನೆಗಳು ಅವಿಭಕ್ತವೇ ಆಗಿದ್ದುದರಿಂದ ಆ ಹಕ್ಕು ಗ್ರಂಥದಲ್ಲಿಯೇ ಹೆಚ್ಚಾಗಿ ಉಳಿಯಿತು. ಮುಂದೆ ಆಂಗ್ಲ ನ್ಯಾಯಾಧೀಶರು ವಿಧವೆಗೆ ಬಂದ ಆಸ್ತಿಯನ್ನು ಆಕೆ ಬದುಕಿರುವವರೆಗಿನ ಅನುಭೋಗಕ್ಕೆ ಸೀಮಿತಗೊಳಿಸಿದರು.

ಕಿತ್ತೂರಿನ ಕಥೆ ನಿಮಗೆಲ್ಲ ಗೊತ್ತು. ಆದರೂ ಅದನ್ನು ಯುದ್ಧದ ಕಥೆಯಾಗಿಯಷ್ಟೇ ಕೇಳಿದ್ದೇವೆ. ಮಲ್ಲಸರ್ಜ ದೇಸಾಯಿ 1816ರಲ್ಲಿ ಗತಿಸಿದನು. ಆತನ ಮಗ ಶಿವಲಿಂಗರುದ್ರಸರ್ಜನು 1824ರ ಸೆಪ್ಟೆಂಬರಿನಲ್ಲಿ ಸಂತಾನವಿಲ್ಲದೆ ತೀರಿಕೊಂಡಾಗ ಅರಮನೆಯಲ್ಲಿ ವಿಧವೆಯರೇ ಉಳಿದರು. ದತ್ತಕವನ್ನು ಧಾರವಾಡದ ಕಲೆಕ್ಟರ ಥ್ಯಾಕರೆ ಒಪ್ಪಲಿಲ್ಲ. ಅಕ್ಟೋಬರ್ 23ರಂದು ಆತನೇ ಕೋಟೆಯ ಮುಂದೆ ಮಡಿದನು. ಡಿಸೆಂಬರಿನಲ್ಲಿ ಕೋಟೆ ಬಿದ್ದಿತು. ಚನ್ನಮ್ಮ ರಾಣಿಯು ಬೈಲಹೊಂಗಲದ ಸೆರೆಯಲ್ಲಿ 1829ರಲ್ಲಿ ದೇಹವಿಟ್ಟಳು. ಪತಿಯ ಮನೆತನ ಮುಂದುವರಿಯಬೇಕೋ ಬೇಡವೋ ಎಂಬುದನ್ನು ನಿರ್ಧರಿಸುವವರು ಯಾರು, ಮನೆಯವರೋ ಸರಕಾರವೋ ಎಂಬ ಪ್ರಶ್ನೆಯೇ ಆ ರಣದ ಮೂಲ.

ಬಳಿಕ ಕಾನೂನುಗಳು ಒಂದೊಂದಾಗಿ ಬಂದವು. 1856ರದು ವಿಧವಾ ಪುನರ್ವಿವಾಹಕ್ಕೆ ಮಾನ್ಯತೆ ಕೊಟ್ಟಿತು, ಆದರೆ ಮರುಮದುವೆಯಾದವಳಿಗೆ ಮೊದಲ ಗಂಡನ ಆಸ್ತಿ ತಪ್ಪುವಂತೆ ಮಾಡಿತು. ಉಡಿಕೆಯ ಪದ್ಧತಿ ಮೊದಲಿನಿಂದಲೂ ಇದ್ದ ನಮ್ಮ ಕಡೆ ಮಾನ್ಯತೆಯು ಹೊಸತೇನಲ್ಲ. 1937ರ ಕಾನೂನಿನಿಂದ ವಿಧವೆಗೆ ಗಂಡನ ಪಾಲು ಬಂದಿತು. ಅದೂ ಸೀಮಿತ ಹಕ್ಕಾಗಿ. 1956ರ ಉತ್ತರಾಧಿಕಾರ ಕಾನೂನಿನ ಹದಿನಾಲ್ಕನೆಯ ಕಲಮು ಆ ಮಿತಿಯನ್ನು ಕಿತ್ತೊಗೆದು ಪೂರ್ಣ ಒಡೆತನ ಕೊಟ್ಟಿತು. 1955ರ ವಿವಾಹ ಕಾನೂನೂ ಇದೂ ತಮಗೆ ಒಳಪಡುವವರನ್ನು ಹೇಳುವಾಗ 'ವೀರಶೈವ', 'ಲಿಂಗಾಯತ' ಎಂಬ ಎರಡು ಪದಗಳನ್ನೂ ಸ್ಪಷ್ಟವಾಗಿ ಬರೆದಿವೆ. ಆದುದರಿಂದ ನಮಗೆ ಅನ್ವಯಿಸುವುದೋ ಇಲ್ಲವೋ ಎಂಬ ಸಂಶಯಕ್ಕೆ ಎಡೆಯಿಲ್ಲ.

ಭೂಮಿಯಿಲ್ಲದೆ ಸಂಬಳದಿಂದಲೇ ಬದುಕಿದ ಶಿಕ್ಷಕ, ತಲಾಟಿ, ರೈಲ್ವೆ ನೌಕರರ ಮನೆಗಳಿಗೆ ಈ ಆಸ್ತಿಯ ಹಕ್ಕಿಂದ ಏನು ಪ್ರಯೋಜನ? ಅವರ ಪಾಲಿಗೆ ಬಂದದ್ದು 1964ರ ಜನವರಿ 1ರಿಂದ ಕೇಂದ್ರ ಸರಕಾರ ಜಾರಿಗೆ ತಂದ ಕುಟುಂಬ ಪಿಂಚಣಿ. ಅದೇ ವರುಷ ಮೈಸೂರು ಸರಕಾರವೂ ನಿಯಮ ಮಾಡಿತು. ಮೊದಲು ಕೇಂದ್ರದ ನೌಕರನು ಎರಡು ತಿಂಗಳ ಸಂಬಳದಷ್ಟು ಗ್ರಾಚ್ಯುಟಿಯನ್ನು ಬಿಟ್ಟುಕೊಡಬೇಕಾಗಿತ್ತು. 1977ರಲ್ಲಿ ಆ ಕಟ್ಟಳೆ ಹೋಯಿತು. 1964ಕ್ಕಿಂತ ಮೊದಲು ಸೇವೆ ಮುಗಿಸಿದವರ ಪತ್ನಿಯರನ್ನು ಹೊರಗಿಟ್ಟುದು ಸರಿಯಲ್ಲವೆಂದೂ ಕುಟುಂಬ ಪಿಂಚಣಿ ಕೃಪಾದಾನವಲ್ಲವೆಂದೂ 1985ರಲ್ಲಿ ಸರ್ವೋಚ್ಚ ನ್ಯಾಯಾಲಯ ಪೂನಮಾಳ್ ಪ್ರಕರಣದಲ್ಲಿ ತೀರ್ಪಿತ್ತಿತು. ಅದು ಸತ್ತವನ ಆಸ್ತಿಯಲ್ಲ, ಮೃತ್ಯುಪತ್ರದಿಂದ ಬೇರೆಯವರಿಗೆ ಬರೆದುಕೊಡುವಂತಿಲ್ಲ ಎಂಬುದು 1991ರ ಇನ್ನೊಂದು ತೀರ್ಪು. ಅಣ್ಣತಮ್ಮಂದಿರು ಮೃತ್ಯುಪತ್ರ ತೋರಿಸಿ ವಿಧವೆಯನ್ನು ಅಂಜಿಸುವ ಮನೆಗಳಲ್ಲಿ ಈ ಮಾತು ತಿಳಿದಿರಬೇಕು.

ಈಗ ಕಠಿಣವಾದ ಭಾಗ. ಮಠಕ್ಕೆ ಬರುವ ದೂರುಗಳಲ್ಲಿ ಹೆಚ್ಚಿನವು ಇದೇ ಬಗೆಯವು. ಮೊದಲ ಹೆಂಡತಿ ತವರಿನಲ್ಲಿದ್ದಾಳೆ, ವಿಚ್ಛೇದನವಾಗಿಲ್ಲ. ಗಂಡ ಇನ್ನೊಬ್ಬಳನ್ನು ಉಡಿಕೆ ಮಾಡಿಕೊಂಡು ಇಪ್ಪತ್ತು ವರುಷ ಸಂಸಾರ ನಡೆಸಿದ್ದಾನೆ. ಆತ ಸತ್ತ ಮೇಲೆ ಇಬ್ಬರೂ ಕಚೇರಿಯ ಬಾಗಿಲಲ್ಲಿ. ಹಿರಿಯರು 'ಮೊದಲು ಇದೆಲ್ಲ ನಡೆಯುತ್ತಿತ್ತು' ಎನ್ನುತ್ತಾರೆ. ನಡೆಯುತ್ತಿತ್ತು, ನಿಜ. ಆದರೆ ಬೆಳಗಾವಿ ಜಿಲ್ಲೆ ಆಗ ಮುಂಬಯಿ ಪ್ರಾಂತಕ್ಕೆ ಸೇರಿದ್ದರಿಂದ ದ್ವಿಪತ್ನೀತ್ವ ನಿಷೇಧವು ನಮಗೆ 1946ರಲ್ಲಿಯೇ ಬಂದಿತು, ಅಂದರೆ ಅಖಿಲ ಭಾರತ ಕಾನೂನಿಗಿಂತ ಒಂಬತ್ತು ವರುಷ ಮೊದಲು. ಅದು ಸಂವಿಧಾನಬದ್ಧವೆಂದು ಮುಂಬಯಿ ಉಚ್ಚ ನ್ಯಾಯಾಲಯವು 1951ರ ನರಸು ಅಪ್ಪಾ ಮಾಳಿ ಪ್ರಕರಣದಲ್ಲಿ ಎತ್ತಿಹಿಡಿಯಿತು. ಆದುದರಿಂದ ಹಳೆಯ ಪದ್ಧತಿಯ ಆಸರೆ ಇಂದಿನ ಯಾರಿಗೂ ದೊರೆಯದು.

2000ದ ರಾಮೇಶ್ವರಿದೇವಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಮೊದಲ ಪತ್ನಿಯಿರುವಾಗಿನ ಎರಡನೆಯ ಮದುವೆ ಶೂನ್ಯ, ಎರಡನೆಯವಳು ವಿಧವೆಯೆನಿಸಳು, ಆದರೆ ಆಕೆಯ ಮಕ್ಕಳು ವಿವಾಹ ಕಾನೂನಿನ ಹದಿನಾರನೆಯ ಕಲಮಿನಂತೆ ಔರಸರೇ, ಅವರಿಗೆ ಪಾಲುಂಟು ಎಂದಿತು. 2023ರಲ್ಲಿ ಕರ್ನಾಟಕ ಉಚ್ಚ ನ್ಯಾಯಾಲಯವೂ ಎರಡನೆಯ ಪತ್ನಿಗೆ ಕುಟುಂಬ ಪಿಂಚಣಿ ಸಲ್ಲದೆಂದಿತು. ನ್ಯಾಯ ಸರಿಯಾದುದೇ. ಆದರೂ ತನಗೆ ಹೇಳದೆ ಮೋಸದಿಂದ ಕರೆತಂದವನ ಬಳಿ ಬಾಳಿ, ಕೊನೆಯ ಕಾಯಿಲೆಯಲ್ಲಿ ಆರೈಕೆ ಮಾಡಿದವಳು ಬರಿಗೈಯಲ್ಲಿ ಹೋಗುವುದನ್ನು ಕಂಡು ನಾವು ಮೌನವಾಗಿ ಕುಳಿತ ದಿನಗಳುಂಟು. ತಪ್ಪು ಮಾಡಿದವನು ದಂಡಕ್ಕೆ ಸಿಗದೆ ಹೋಗಿರುತ್ತಾನೆ.

ಇನ್ನೊಂದು ಗಂಟು ಮರುಮದುವೆಯದು. 1964ರ ಕೇಂದ್ರ ಯೋಜನೆಯಂತೆ ವಿಧವೆಯ ಪಿಂಚಣಿ ಆಕೆಯ ಮರಣದವರೆಗೆ ಅಥವಾ ಮರುಮದುವೆಯವರೆಗೆ. 1856ರ ಷರತ್ತೇ ಬೇರೆ ಉಡುಪಿನಲ್ಲಿ ಮರಳಿ ಬಂದಂತಾಯಿತು. ಆ ಹಳೆಯ ಕಾನೂನಾದರೂ 1983ರಲ್ಲಿ ರದ್ದಾಯಿತು. ವಿಧವೆಯ ಮರುಮದುವೆಗೆ ಎದುರಾಗದ ಸಮಾಜವೆಂದು ಹೆಮ್ಮೆಪಡುವ ನಮ್ಮಲ್ಲಿಯೇ ತರುಣ ವಿಧವೆಯರು ಪಿಂಚಣಿ ನಿಲ್ಲುವ ಭಯದಿಂದ ಒಂಟಿಯಾಗಿಯೇ ಇದ್ದುಬಿಡುತ್ತಾರೆ. ಕೇಂದ್ರ ಸರಕಾರವು 2006ರ ಜನವರಿ 1ರಿಂದ, ಮಕ್ಕಳಿಲ್ಲದ ವಿಧವೆ ಮರುಮದುವೆಯಾದರೂ ಆಕೆಯ ಸ್ವಂತ ಆದಾಯ ಗೊತ್ತುಪಡಿಸಿದ ಮಿತಿಯೊಳಗಿದ್ದರೆ ಪಿಂಚಣಿ ಮುಂದುವರಿಯಬಹುದೆಂದು ನಿಯಮ ಬದಲಿಸಿದೆ. ರಾಜ್ಯದ ನಿಯಮಗಳು ಬೇರೆ. 2006ರ ಏಪ್ರಿಲ್ 1ರ ನಂತರ ರಾಜ್ಯ ಸೇವೆಗೆ ಸೇರಿದವರಿಗಂತೂ ಹೊಸ ಪಿಂಚಣಿ ಪದ್ಧತಿ. ಆದುದರಿಂದ ಗಂಡನ ಸೇವೆ ಯಾವುದು, ಸೇರಿದ ದಿನ ಯಾವುದು ಎಂಬುದನ್ನು ಸೇವಾಪುಸ್ತಕದಿಂದ ಬರೆದುಕೊಂಡೇ ಮುಂದಿನ ಹೆಜ್ಜೆ ಇಡುವುದು ಒಳ್ಳೆಯದು.

ಮದುವೆಯ ದಾಖಲೆಯ ವಿಷಯ ಉಳಿಯಿತು. ವಿವಾಹ ಕಾನೂನಿನ ಏಳನೆಯ ಕಲಮು ವಧು ಅಥವಾ ವರನ ಕಡೆಯ ಸಂಪ್ರದಾಯದ ವಿಧಿಗಳನ್ನು ಒಪ್ಪುತ್ತದೆ; ಪಂಚಕಳಶ ಸಾಕ್ಷಿಯಾಗಿ ನಮ್ಮಲ್ಲಿ ನಡೆಯುವ ಮದುವೆಗೆ ಸಪ್ತಪದಿಯಿಲ್ಲವೆಂಬ ಕಾರಣದಿಂದ ಕೊರತೆ ಬಾರದು. ಆದರೆ ಕಚೇರಿಯವರು ಕೇಳುವುದು ಕಾಗದ. ಯಾವ ಮಠದಲ್ಲಿ ಸಾಮೂಹಿಕ ವಿವಾಹ ನಡೆದರೂ ವಧೂವರರ ಹೆಸರು, ವಯಸ್ಸು, ಮೊದಲ ಮದುವೆ ಇತ್ತೇ ಎಂಬ ಪ್ರಶ್ನೆಗೆ ಉತ್ತರ, ಸಾಕ್ಷಿಗಳ ಸಹಿ ಇವುಗಳಿರುವ ದಫ್ತರವನ್ನು ಇಟ್ಟು, ಅದೇ ವಾರ ನೋಂದಣಿ ಮಾಡಿಸಿಕೊಟ್ಟರೆ, ಮೂವತ್ತು ವರುಷಗಳ ಮೇಲೆ ಆ ಪುಟವನ್ನು ಹುಡುಕಿಕೊಂಡು ಒಬ್ಬ ತಾಯಿ ಬಂದೇ ಬರುವಳು.